ಒಲೆಯೂ ಪಾಲೂ

ಅವಿಭಕ್ತ ಕುಟುಂಬದ ನಾಶವನ್ನು ಕುರಿತು ಶೋಕಿಸುವ ಲೇಖನಗಳು ನಮ್ಮ ಮಾಸಪತ್ರಿಕೆಗಳಲ್ಲಿಯೂ ಜಾತ್ರೆಯ ಸ್ಮರಣಸಂಚಿಕೆಗಳಲ್ಲಿಯೂ ವರ್ಷಕ್ಕೆ ಐದಾರಾದರೂ ಬರುತ್ತಿರುವವು. ಅವುಗಳ ಕಟ್ಟಡವು ಬಹುತರವಾಗಿ ಒಂದೇ. ಮೊದಲು ದೊಡ್ಡ ಮನೆಯ ವರ್ಣನೆ. ಕಂಬದ ಪಡಸಾಲೆ, ಹಗೇವು ತುಂಬಿದ ಜೋಳ, ನಾಲ್ವತ್ತು ಎಲೆಗಳ ಪಂಕ್ತಿ. ಅನಂತರ ಸೊಸೆಯಂದಿರ ಪ್ರವೇಶ. ಕಟ್ಟಕಡೆಗೆ ಸರಕಾರವು ಬಂದು ಕಾಯಿದೆಯೆಂಬ ಕೊಡಲಿಯಿಂದ ಈ ವಟವೃಕ್ಷವನ್ನು ಕಡಿಯುವದು. ಮಧ್ಯದಲ್ಲಿ ಎಲ್ಲಿಯಾದರೊಂದು ಕಡೆಗೆ ‘ನಮ್ಮ ಸನಾತನ ಶಾಸ್ತ್ರ’ ಎಂಬ ಮಾತು ಬಂದೇ ಬರುವದು. ಈ ಲೇಖಕ ಮಹಾಶಯರ ಭಾವನೆಗಳ ಮೇಲೆ ನನಗೆ ಆಕ್ಷೇಪವಿಲ್ಲ. ನನ್ನ ಆಕ್ಷೇಪವಿರುವದು ಅವರ ವಾಚನದ ಮೇಲೆ. ಯಾವ ಶಾಸ್ತ್ರದ ಹೆಸರನ್ನು ಹೇಳಿ ಅವರು ಕಣ್ಣೀರು ಸುರಿಸುತ್ತಾರೋ ಆ ಶಾಸ್ತ್ರವನ್ನು ಅವರು ಓದಿದಂತೆ ಕಾಣುವದಿಲ್ಲ.

ಆ ಶಾಸ್ತ್ರವಾದರೂ ದೂರದ್ದಲ್ಲ. ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರವೆಂಬ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಇದ್ದವನು. ೧೦೭೬ರಿಂದ ೧೧೨೬ರ ವರೆಗೆ ಆಳಿದ ಆ ಚಾಲುಕ್ಯ ಚಕ್ರವರ್ತಿಯ ರಾಜ್ಯದಲ್ಲಿಯೇ ನಮ್ಮ ಪಾನುಂಗಲ್ಲು ಐನೂರು, ಅಂದರೆ ಇಂದಿನ ಹಾನಗಲ್ಲಿನ ಸೀಮೆಯು, ಕದಂಬ ಸಾಮಂತರ ಕೈಯಲ್ಲಿತ್ತು. ೧೮೧೦ರಲ್ಲಿ ಕೋಲಬ್ರೂಕ ಸಾಹೇಬನು ಈ ಗ್ರಂಥದ ದಾಯಭಾಗದ ಪ್ರಕರಣವನ್ನು ಇಂಗ್ಲಿಷಿಗೆ ತಂದ ಮೇಲೆ ಬಂಗಾಲದ ಹೊರತು ಹಿಂದುಸ್ತಾನದ ಬಹುಭಾಗದ ನ್ಯಾಯಾಲಯಗಳಲ್ಲಿ ಅದೇ ಪ್ರಮಾಣವಾಯಿತು. ಕನ್ನಡ ನಾಡಿನಲ್ಲಿ ಕುಳಿತು ಬರೆದ ಒಂದು ಪುಸ್ತಕವು ಎಂಟು ನೂರು ವರ್ಷಗಳ ಮೇಲೆಯೂ ಮನೆಮನೆಯ ವಾಟಣಿಯನ್ನು ಆಳಿತು. ಇಂಥ ಭಾಗ್ಯವು ನಮ್ಮ ಯಾವ ಕಾವ್ಯಕ್ಕೂ ಬಂದಿಲ್ಲ.

ಈಗ ವಾಚಕರು ಒಂದು ಸಂಗತಿಯನ್ನು ಲಕ್ಷಿಸಬೇಕು. ಧರ್ಮಶಾಸ್ತ್ರದಲ್ಲಿ ಕೂಡಿರುವಿಕೆಗೆ ಪ್ರತ್ಯೇಕವಾದ ಪ್ರಕರಣವಿಲ್ಲ, ಇರುವದು ವಿಭಾಗಕ್ಕೆ. ಸೋದರರು ಕೂಡಿ ಇರಲಿ, ಅಥವಾ ಧರ್ಮೇಚ್ಛೆಯುಳ್ಳವರಾದರೆ ಬೇರೆ ಇರಲಿ, ಬೇರೆಯಾದರೆ ಧರ್ಮವು ಬೆಳೆಯುತ್ತದೆ ಎಂದು ಮನುವು ಹೇಳುತ್ತಾನೆ; ವಿಭಾಗದಿಂದ ಧರ್ಮವೃದ್ಧಿ ಎಂದು ಗೌತಮನೂ ಹೇಳುತ್ತಾನೆ. ಕಾರಣವನ್ನು ಬೃಹಸ್ಪತಿಯು ತಿಳಿಸುತ್ತಾನೆ: ಒಂದೇ ಪಾಕದಲ್ಲಿ ಉಣ್ಣುವವರಿಗೆ ದೇವ ಪಿತೃ ದ್ವಿಜರ ಪೂಜೆಯು ಒಂದೇ, ಬೇರೆಯಾದರೆ ಅದು ಮನೆಮನೆಗೂ ನಡೆಯುವದು. ಒಲೆ ನಾಲ್ಕಾದರೆ ಪೂಜೆಯೂ ನಾಲ್ಕಾಯಿತು ಎಂದು ಈ ಋಷಿಗಳ ಲೆಕ್ಕ. ಮಿತಾಕ್ಷರವಂತೂ ಮಗನಿಗೆ ಹುಟ್ಟಿನಿಂದಲೇ ಸ್ವತ್ವವನ್ನು ಕೊಟ್ಟಿತು. ಹುಟ್ಟಿನಿಂದ ಪಾಲುಗಾರನಾದವನು ಪಾಲನ್ನು ಕೇಳಲೂ ಬಲ್ಲನು. ಹೀಗಿರಲು, ಮನೆ ಒಡೆಯುವದನ್ನು ಪರದೇಶದಿಂದ ಬಂದ ರೋಗವೆಂದು ಹೇಳುವದು ಹೇಗೆ?

ಮನೆಯು ಒಡೆದಿದೆಯೋ ಇಲ್ಲವೋ ಎಂಬ ಸಂಶಯ ಹುಟ್ಟಿದಾಗ ನೋಡತಕ್ಕ ಲಕ್ಷಣಗಳನ್ನು ನಾರದನು ಎಣಿಸಿದ್ದಾನೆ. ಕೊಡುಕೊಳ್ಳುವಿಕೆ, ದನಕರು, ಧಾನ್ಯ, ಮನೆ, ಹೊಲ ಬೇರೆಯೇ? ಅಡಿಗೆ ಬೇರೆಯೇ? ಧರ್ಮಕರ್ಮ, ಆಯವ್ಯಯ ಬೇರೆಯೇ? ಪಡಿತರ ಚೀಟಿಯ ವಿಚಾರಣೆಗೆ ಬರುವ ಆಹಾರ ಇಲಾಖೆಯ ನೌಕರನು ಅಡಿಗೆಮನೆಯಲ್ಲಿ ಇಣಿಕಿ ‘ಒಲೆ ಎಷ್ಟು?’ ಎಂದು ಕೇಳಿದಾಗ ನಮ್ಮ ಶೋಕಲೇಖಕರು ಸಿಟ್ಟಾಗುತ್ತಾರೆ. ಆತನು ಅರಿಯದೆಯೆ ನಾರದಸ್ಮೃತಿಯನ್ನು ಪಠಿಸುತ್ತಿದ್ದಾನೆ!

ಇರಲಿ. ಇದಕ್ಕಿಂತ ಭಾರವಾದ ಮಾತು ಹೆಣ್ಣುಮಕ್ಕಳ ಪಾಲಿನದು. ಶೋಕಲೇಖನಗಳ ಕಡುಕೋಪವು ಈ ಒಂದು ಸ್ಥಳದಲ್ಲಿಯೇ ಹೊರಬೀಳುವದು. ‘ಅಕ್ಕತಂಗಿಯರ ಲಗ್ನಕ್ಕೆ ಖರ್ಚು ಮಾಡಿಲ್ಲವೆ? ಪಂಚಮಿಗೆ ಕರೆದು ಉಂಡಿ ಕಟ್ಟಿ ಕಳಿಸುವದಿಲ್ಲವೆ? ಅದೇ ಅವರ ಪಾಲು. ಹೊಲದಲ್ಲಿ ಪಾಲು ಕೊಡುವ ಕಾಯಿದೆಯು ತವರುಮನೆಯ ಪ್ರೀತಿಯನ್ನು ಕೊಂದಿತು’ ಎಂಬುದು ಅವರ ವಾದ. ಈ ವಾದವು ಹೊಸದಲ್ಲ. ವಿಜ್ಞಾನೇಶ್ವರನ ಎದುರಿಗೂ ಇದು ಬಂದಿತ್ತು. ಸೋದರರು ತಮ್ಮ ಅಂಶದ ತುರೀಯವನ್ನು, ಅಂದರೆ ನಾಲ್ಕರಲ್ಲೊಂದನ್ನು, ಕೊಟ್ಟು ತಂಗಿಗೆ ಸಂಸ್ಕಾರ ಮಾಡಿಸಬೇಕೆಂದು ಯಾಜ್ಞವಲ್ಕ್ಯನ ವಚನ. ಇದಕ್ಕೆ ಭಾರುಚಿಯೆಂಬ ಪ್ರಾಚೀನನು, ಲಗ್ನಕ್ಕೆ ಸಾಕಾಗುವಷ್ಟು ದ್ರವ್ಯ ಎಂದಿಷ್ಟೇ ಅರ್ಥವನ್ನು ಮಾಡಿದ್ದನು. ವಿಜ್ಞಾನೇಶ್ವರನು ಅದನ್ನು ಒಪ್ಪಲಿಲ್ಲ. ಅಸಹಾಯ ಮೇಧಾತಿಥಿಗಳ ಪಕ್ಷವನ್ನು ಹಿಡಿದು, ತಂದೆಯ ನಂತರ ಕನ್ಯೆಯೂ ಅಂಶಭಾಗಿಯೇ, ಇದು ಖರ್ಚಿನ ಮಾತಲ್ಲ, ಪಾಲಿನ ಮಾತು ಎಂದು ಸ್ಪಷ್ಟವಾಗಿ ಬರೆದನು. ಬರೆದು ಸುಮ್ಮನಾಗಲಿಲ್ಲ, ಲೆಕ್ಕವನ್ನೂ ಮಾಡಿ ತೋರಿಸಿದನು. ಒಬ್ಬ ಮಗ, ಒಬ್ಬ ಮಗಳು ಇದ್ದರೆ ಆಸ್ತಿಯನ್ನು ಎರಡು ಮಾಡಿ, ಅದರಲ್ಲೊಂದನ್ನು ನಾಲ್ಕು ಮಾಡಿ, ಆ ಒಂದು ಕಾಲನ್ನು ಕನ್ಯೆಗೆ ಕೊಟ್ಟು ಉಳಿದುದನ್ನು ಮಗನು ತೆಗೆದುಕೊಳ್ಳತಕ್ಕದ್ದು.

ಹಳೆಯ ಶಾಲೆಯ ರೀತಿಯಲ್ಲಿ ಪಿತ್ರಾರ್ಜಿತವನ್ನು ಹದಿನಾರಾಣೆ ಎಂದು ಹಿಡಿಯೋಣ. ವಿಜ್ಞಾನೇಶ್ವರನ ಲೆಕ್ಕದಲ್ಲಿ ಮಗಳಿಗೆ ಎರಡಾಣೆ. ನ್ಯಾಯಾಲಯಗಳೂ ರೂಢಿಯೂ ಆ ಎರಡಾಣೆಯನ್ನು ಲಗ್ನದ ಖರ್ಚಾಗಿ ಕರಗಿಸಿಬಿಟ್ಟವು. ಸೋತಿದ್ದ ಭಾರುಚಿಯೇ ಕೊನೆಗೆ ಗೆದ್ದನು. ೧೯೫೬ರ ಹಿಂದೂ ಉತ್ತರಾಧಿಕಾರ ಕಾಯಿದೆಯು ಹುಟ್ಟಿನ ಹಕ್ಕನ್ನು ಗಂಡುಮಕ್ಕಳಿಗೇ ಉಳಿಸಿ, ತಂದೆಯ ಅಂಶದಲ್ಲಿ ಮಾತ್ರ ಮಗಳನ್ನು ಕೂಡಿಸಿತು. ತಾಯಿ ಇಲ್ಲದ, ಮೃತ್ಯುಪತ್ರವಿಲ್ಲದ ಅದೇ ಮನೆಯಲ್ಲಿ ತಂದೆಗೆ ಎಂಟಾಣೆ, ಮಗನಿಗೆ ಎಂಟಾಣೆ. ತಂದೆಯು ತೀರಿದ ಮೇಲೆ ಅವನ ಎಂಟಾಣೆಯಲ್ಲಿ ಇಬ್ಬರಿಗೂ ಸರಿಪಾಲು. ಮಗಳಿಗೆ ಬಂದದ್ದು ನಾಲ್ಕಾಣೆ. ನಮ್ಮ ರಾಜ್ಯದ ತಿದ್ದುಪಡಿಯು ೧೯೯೪ರ ಜುಲೈ ೩೦ರಿಂದ ಮಗಳನ್ನೂ ಜನ್ಮತಃ ಪಾಲುಗಾರಳೆಂದಿತು. ಆದರೆ ಅದಕ್ಕೆ ಮೊದಲು ಲಗ್ನವಾದವರನ್ನು ಬಿಟ್ಟಿತು. ೨೦೦೫ರ ಸಪ್ಟಂಬರ ೯ರಿಂದ ಕೇಂದ್ರದ ತಿದ್ದುಪಡಿಯು ಆ ಭೇದವನ್ನು ತೆಗೆಯಿತು. ಆ ದಿನ ತಂದೆಯು ಬದುಕಿರಬೇಕೆಂಬ ನಿರ್ಬಂಧವಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು ೨೦೨೦ರ ಅಗಸ್ಟ ೧೧ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ನಿರ್ಣಯಿಸಿತು. ಈಗ ಮಗಳಿಗೆ ಎಂಟಾಣೆ. ಎರಡಾಣೆಯಿಂದ ಎಂಟಾಣೆಗೆ ಬರುವದಕ್ಕೆ ಒಂಬತ್ತು ನೂರು ವರ್ಷಗಳ ಸುಮಾರು ಹಿಡಿದವು. ಇದನ್ನು ‘ತರಾತುರಿಯ ಸುಧಾರಣೆ’ ಎಂದು ಕರೆದ ಒಂದು ಲೇಖನವನ್ನು ಓದಿ ನನಗೆ ನಗೆ ಬಂದಿತು.

ನಮ್ಮ ನಾಲ್ಕು ತಾಲೂಕುಗಳು ಈ ವಿಚಾರದಲ್ಲಿ ವಿಚಿತ್ರವಾದ ಇತಿಹಾಸವುಳ್ಳವು. ಮೈಸೂರು ಸಂಸ್ಥಾನದಲ್ಲಿ ೧೯೩೩ರಲ್ಲಿಯೇ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆಯಾಗಿ, ಸೋದರರ ವಾಟಣಿಯ ಕಾಲಕ್ಕೆ ತಾಯಿಗೂ ವಿಧವೆಗೂ ಲಗ್ನವಾಗದ ಹೆಣ್ಣುಮಕ್ಕಳಿಗೂ ಅಂಶವು ದೊರೆಯುವಂತಾಯಿತು. ಆಗ ಹಿರೇಕೆರೂರು ಮುಂಬಯಿ ಇಲಾಖೆಯಲ್ಲಿತ್ತು. ಅದರ ನೆರೆಯ ಶಿಕಾರಿಪುರವು ಮೈಸೂರಿನಲ್ಲಿತ್ತು. ಒಂದೇ ಜಾತಿ, ಒಂದೇ ಬಳಗ, ಒಂದೇ ಬೆಳೆ. ಗಡಿಯ ಆಚೆಗೆ ಬಿದ್ದವಳಿಗೆ ಪಾಲು, ಈಚೆಗೆ ಬಿದ್ದವಳಿಗೆ ಜೀವನಾಂಶ. ೧೯೩೭ರ ವಿಧವಾ ಕಾಯಿದೆಯು ಬಂದ ಮೇಲೂ ಈಚೆಯ ಮಗಳಿಗೆ ಏನೂ ದೊರೆಯಲಿಲ್ಲ. ಕುಟುಂಬವೆಂಬುದು ಕೇವಲ ರಕ್ತದಿಂದಲೂ ಪ್ರೀತಿಯಿಂದಲೂ ಆದದ್ದಲ್ಲ, ರಾಜ್ಯದ ಬರಹದಿಂದಲೂ ಆದದ್ದು ಎಂಬುದಕ್ಕೆ ಇದಕ್ಕಿಂತ ಸಮೀಪದ ನಿದರ್ಶನವು ಬೇಕೆ? ಸವಣೂರು ೧೯೪೮ರ ವರೆಗೆ ನವಾಬರ ಸಂಸ್ಥಾನವಾಗಿತ್ತು. ಅಲ್ಲಿಯ ಮುಸಲ್ಮಾನ ಮನೆತನಗಳಿಗೆ ಕುರಾನಿನ ವಿಧಿಯಂತೆ ಮಗಳ ಪಾಲು ಮಗನದರ ಅರ್ಧ. ನಮ್ಮ ಹದಿನಾರಾಣೆಯಲ್ಲಿ ಐದಾಣೆ ನಾಲ್ಕು ಪೈ. ಹಿಂದೂ ಮಗಳಿಗೆ ಏನೂ ಇಲ್ಲದ ಕಾಲದಲ್ಲಿ ಇದು ಸಣ್ಣದಲ್ಲ. ಆದರೆ ಬ್ರಿಟಿಶ ಹಿಂದುಸ್ತಾನಕ್ಕಾಗಿ ಆದ ೧೯೩೭ರ ಶರೀಅತ್ ಕಾಯಿದೆಯು ಸಾಗುವಳಿಯ ಭೂಮಿಯನ್ನು ಸ್ಪಷ್ಟವಾಗಿ ಹೊರಗಿಟ್ಟಿತು. ಭೂಮಿಯ ಮಾತು ಬಂದಲ್ಲಿ ಯಾವ ಧರ್ಮದ ಸೋದರನೂ ಉದಾರಿಯಲ್ಲ.

ಈಗಲೂ ಎಂಟಾಣೆಯು ಕಾಗದದಲ್ಲಿರುವದೇ ಹೆಚ್ಚು. ಸಬ್‌ರಿಜಿಸ್ಟ್ರಾರರ ಕಚೇರಿಯಲ್ಲಿ ನಡೆಯುವ ಹಕ್ಕು ಬಿಡುಗಡೆಯ ಪತ್ರಗಳನ್ನು ಯಾರಾದರೂ ಸಾಹಿತ್ಯವೆಂದು ಓದಬೇಕು. ‘ಸ್ವಸಂತೋಷದಿಂದ’, ‘ಯಾರ ಒತ್ತಾಯವೂ ಇಲ್ಲದೆ’, ‘ಅರಿಷಿಣ ಕುಂಕುಮಕ್ಕಾಗಿ’ ಎಂಬಂಥ ಮಾತುಗಳು ಅವುಗಳಲ್ಲಿ ಬರುವಷ್ಟು ಸಲ ನಮ್ಮ ಭಕ್ತಿಸಾಹಿತ್ಯದಲ್ಲಿ ದೇವರ ಹೆಸರೂ ಬಂದಿರಲಾರದು. ಕೇಳಿದರೆ ತವರಿನ ಬಾಗಿಲು ಮುಚ್ಚುವದೆಂಬ ಭಯವೇ ಆ ಸಂತೋಷದ ಕರ್ತೃ. ಕಾಯಿದೆಯು ತವರಿನ ಪ್ರೀತಿಯನ್ನು ಕೊಂದಿತೆಂದು ಬರೆಯುವವರು, ಎರಡಾಣೆಗೂ ಎಂಟಾಣೆಗೂ ಹೆದರಿ ಮುಚ್ಚಿಕೊಳ್ಳುವ ಬಾಗಿಲಿನ ಹಿಂದೆ ಎಂಥ ಪ್ರೀತಿಯಿತ್ತೆಂಬುದನ್ನು ಮೊದಲು ವಿವರಿಸಲಿ.

ಹಾಗೆಂದು ಸರಕಾರದ ಬರಹವೆಲ್ಲ ನಿರ್ದುಷ್ಟವೆಂದು ನಾನು ಹೇಳುವವನಲ್ಲ. ಅದರ ಮೊದಲನೆಯ ದೋಷವು ಶಬ್ದದೋಷ. ನಮ್ಮ ಶಾಸನಗಳಲ್ಲಿ ಒಕ್ಕಲೆಂದರೆ ಮನೆಯೂ ಹೌದು, ಸಾಗುವಳಿಗಾರನೂ ಹೌದು; ತಾಮ್ರಪಟಗಳ ‘ಕುಟುಂಬಿ’ಯೂ ಹಾಗೆಯೇ. ಹೊಲವೂ ಒಲೆಯೂ ಒಂದೇ ಶಬ್ದದಲ್ಲಿ ಕೂಡಿದ್ದವು. ಈಗಲಾದರೋ ಇಲಾಖೆಗೊಂದು ಕುಟುಂಬ. ಭೂಸುಧಾರಣೆಯ ಕಾಯಿದೆಯಲ್ಲಿ ಕುಟುಂಬವೆಂದರೆ ಗಂಡ, ಹೆಂಡತಿ, ಅಪ್ರಾಪ್ತ ಗಂಡುಮಕ್ಕಳು, ಲಗ್ನವಾಗದ ಹೆಣ್ಣುಮಕ್ಕಳು. ಮೀಸೆ ಬಂದ ಮಗನು ಅಲ್ಲಿ ಹೊರಗಿನವನು. ೨೦೧೯ರಲ್ಲಿ ಆರಂಭವಾದ, ವರ್ಷಕ್ಕೆ ೬೦೦೦ ರೂಪಾಯಿಯ ಕಿಸಾನ್ ಸಮ್ಮಾನ ಯೋಜನೆಯಲ್ಲಿ ಗಂಡ, ಹೆಂಡತಿ, ಅಪ್ರಾಪ್ತ ಮಕ್ಕಳು. ಪಡಿತರದಲ್ಲಿ ಒಲೆ. ಇವುಗಳೊಳಗೆ ಯಾವ ವ್ಯಾಖ್ಯೆಯಲ್ಲಿ ಮುದುಕಿಯಾದ ತಾಯಿ ಇದ್ದಾಳೆ? ಮೊದಲಿನ ಎರಡರಲ್ಲಿ ಅವಳಿಲ್ಲ.

ಮೂರನೆಯದರಲ್ಲಿ ಇದ್ದಾಳೆ, ಮತ್ತು ಅಗ್ರಸ್ಥಾನದಲ್ಲಿಯೇ ಇದ್ದಾಳೆ. ೨೦೧೩ರ ಆಹಾರ ಭದ್ರತೆಯ ಕಾಯಿದೆಯಂತೆ ಹದಿನೆಂಟು ತುಂಬಿದ ಹೆಂಗಸರಲ್ಲಿ ಹಿರಿಯಳೇ ಪಡಿತರ ಚೀಟಿಗೆ ಮನೆಯ ಮುಖ್ಯಸ್ಥಳು. ೨೦೨೩ರ ಅಗಸ್ಟದಲ್ಲಿ ಆರಂಭವಾದ ಗೃಹಲಕ್ಷ್ಮಿಯ ೨೦೦೦ ರೂಪಾಯಿಯು ಅವಳ ಹೆಸರಿಗೆ ತಿಂಗಳು ತಿಂಗಳು ಬರತಕ್ಕದ್ದು. ಅವಳನ್ನು ‘ಯಜಮಾನಿ’ ಎಂದು ಕರೆದಿದ್ದಾರೆ. ವೈಯಾಕರಣರು ಹುಬ್ಬು ಗಂಟಿಕ್ಕಬಹುದು. ಯಜ್ ಧಾತುವಿನ ಶಾನಚ್ ಪ್ರತ್ಯಯಾಂತಕ್ಕೆ ಸ್ತ್ರೀಲಿಂಗದಲ್ಲಿ ಯಜಮಾನಾ ಎಂದಾಗಬೇಕಷ್ಟೆ. ಹೆಣ್ಣಿಗೆ ಯಜ್ಞದಲ್ಲಿದ್ದ ಪದವು ಪತ್ನಿ. ಪತಿಯ ಯಜ್ಞದ ಸಂಬಂಧದಿಂದಲೇ ಆ ಪದವು ಸಿದ್ಧಿಸುವದೆಂದು ಪಾಣಿನಿಯ ಸೂತ್ರ. ಪತ್ನಿಯನ್ನು ಯಜಮಾನಿಯನ್ನಾಗಿ ಮಾಡಿದ್ದು ಅಪಶಬ್ದವಾದರೂ ಅಪರಾಧವಲ್ಲ. ಕನ್ನಡವು ಈ ಮಾತನ್ನು ಅರಗಿಸಿಕೊಂಡಿದೆ.

ಆದರೆ ಗಣಿತವನ್ನು ನೋಡಿರಿ. ಆದ್ಯತಾ ಚೀಟಿಗೆ ಈ ಕಾಯಿದೆಯು ಕೊಡುವ ಧಾನ್ಯವು ತಲೆಗೆ ೫ ಕಿಲೋ. ಹತ್ತು ಜನರು ಕೂಡಿ ಇದ್ದರೂ ೫೦, ಬೇರೆಯಾದರೂ ೫೦. ತಲೆಯನ್ನು ಎಣಿಸುವ ನೀತಿಯು ಒಲೆಗೆ ಕೈ ಹಚ್ಚುವದಿಲ್ಲ. ಮನೆಯನ್ನು ಎಣಿಸುವ ನೀತಿಯ ಮಾತು ಬೇರೆ. ಅತ್ತೆಯೂ ಮೂವರು ಸೊಸೆಯಂದಿರೂ ಇರುವ ಮನೆಗೆ ೨೦೦೦. ಅದೇ ಮನೆಯು ಮೂರಾದರೆ ೬೦೦೦. ಒಲೆಗೆ ಹೀಗೆ ತಿಂಗಳಿಗೆ ಎರಡು ಸಾವಿರದ ಬೆಲೆ ಬಂದಿದೆ. ಯೋಜನೆಯು ಹೊರಟಾಗ ಹಣವು ಅತ್ತೆಗೋ ಸೊಸೆಗೋ ಎಂದು ಊರೂರಲ್ಲಿ ಎದ್ದ ವಾದವು ಇದರ ಫಲವೇ. ಶೋಕಲೇಖಕರು ಗುರಿಯಿಡಬೇಕಾದುದು ಇಲ್ಲಿ. ಮಗಳ ಪಾಲಿನ ಮೇಲಲ್ಲ. ಆದರೂ ಈ ಹಣವನ್ನು ಹಳಿಯಲು ನನಗೆ ಮನಸ್ಸು ಬಾರದು. ಬೇಸಾಯದ ಮನೆಯಲ್ಲಿ ಜೀವಮಾನವೆಲ್ಲ ದುಡಿದರೂ ಒಂದು ಕಾಸನ್ನು ಕೇಳದೆ ಮುಟ್ಟದಿದ್ದವಳ ಹೆಸರಿನಲ್ಲಿ ಬ್ಯಾಂಕಿನ ಪುಸ್ತಕವಿರುವದನ್ನು ಕಂಡಿದ್ದೇನೆ. ಹೆಂಗಸೊಬ್ಬಳಿಗೆ ಇಷ್ಟೆಂದು ಎಣಿಸಿ ಕೊಟ್ಟಿದ್ದರೆ ಹಣವೂ ಮುಟ್ಟುತ್ತಿತ್ತು, ಒಲೆಯೂ ತನ್ನ ಪಾಡಿಗೆ ತಾನು ಇರುತ್ತಿತ್ತು. ಬೊಕ್ಕಸಕ್ಕೆ ಭಾರವಾಗುತ್ತಿತ್ತೆಂಬುದು ನಿಜ.

ಮಕ್ಕಳು ಬೇರೆಯಾದ ಮನೆಗಳಲ್ಲಿ ತಾಯಿಯ ಊಟವು ಪಾಳಿಯ ಮೇಲೆ ನಡೆಯುವದು ನಮ್ಮ ಕಡೆಗೆ ಸಾಮಾನ್ಯ. ತಿಂಗಳು ಹಿರಿಯನಲ್ಲಿ, ತಿಂಗಳು ಕಿರಿಯನಲ್ಲಿ. ಮೂವತ್ತೊಂದು ದಿನದ ತಿಂಗಳು ಯಾರದೆಂಬುದಕ್ಕೂ ಜಗಳ. ವೃದ್ಧರಾದ ತಾಯಿತಂದೆಗಳನ್ನು ನೂರು ಅಕಾರ್ಯಗಳನ್ನು ಮಾಡಿಯಾದರೂ ಸಲಹಬೇಕೆಂದು ಮನುವಿನ ಹೆಸರಿನಲ್ಲಿ ಬರುವ ವಚನವನ್ನು ಮಿತಾಕ್ಷರವೂ ಉದಾಹರಿಸಿದೆ. ೨೦೦೭ರ ಪೋಷಕರ ಮತ್ತು ಹಿರಿಯ ನಾಗರಿಕರ ಕಾಯಿದೆಯು ಆ ವಚನಕ್ಕೆ ತಿಂಗಳಿಗೆ ೧೦೦೦೦ ರೂಪಾಯಿಯ ಮಿತಿಯೊಳಗೆ ಕೈಕಾಲು ಕೊಟ್ಟಿತು. ಸಲಹುವ ಕರಾರಿನ ಮೇಲೆ ಬರೆಯಿಸಿಕೊಂಡ ಆಸ್ತಿಯನ್ನು, ಸಲಹದಿದ್ದರೆ ತಿರುಗಿ ಪಡೆಯುವ ದಾರಿಯನ್ನೂ ಮಾಡಿತು. ಒಳ್ಳೆಯ ಕಾಯಿದೆ. ಆದರೆ ಅದು ತಾಯಿಯು ಮಗನ ಮೇಲೆ ಅರ್ಜಿ ಕೊಡುವಳೆಂದು ನಂಬಿ ಕುಳಿತಿದೆ.

ನಮ್ಮ ಸಂಘದವರಲ್ಲಿ ಒಂದು ಸೂಚನೆಯನ್ನು ಮಾಡುವೆನು. ಹಾನಗಲ್ಲು, ಶಿಗ್ಗಾಂವಿ, ಸವಣೂರು, ಹಿರೇಕೆರೂರು ತಾಲೂಕುಗಳ ಹಳೆಯ ಮನೆಗಳ ಪೆಟ್ಟಿಗೆಗಳಲ್ಲಿ ವಾಟಣಿಯ ಪತ್ರಗಳು ಇನ್ನೂ ಇವೆ. ಕೆಲವು ಕನ್ನಡದಲ್ಲಿ, ಕೆಲವು ಮೋಡಿಯಲ್ಲಿ. ಎತ್ತು, ಬಂಡಿ, ಬಾವಿಯ ಸರತಿ, ದೇವರ ಜಗುಲಿ, ತಾಯಿಯ ಜೀವನಾಂಶದ ಜೋಳ, ಇವೆಲ್ಲ ಹೇಗೆ ಹಂಚಿಹೋದವೆಂಬುದನ್ನು ಯಾವ ಕಾದಂಬರಿಗಿಂತಲೂ ಚೆನ್ನಾಗಿ ಅವು ಹೇಳುವವು. ಮುಂದೆ ಅವಿಭಕ್ತ ಕುಟುಂಬವನ್ನು ಕುರಿತು ಬರೆಯುವವರು ತಮ್ಮ ಮನೆಯದೊಂದು ಪತ್ರವನ್ನಾದರೂ ಲೇಖನದ ಜೊತೆಗೆ ಕಳಿಸಲಿ. ಅದರಲ್ಲಿ ಹೆಣ್ಣುಮಕ್ಕಳ ಹೆಸರು ಎಷ್ಟನೆಯ ಸಾಲಿನಲ್ಲಿದೆ, ಇದೆಯೋ ಇಲ್ಲವೋ, ಎಂಬುದನ್ನು ಸಂಪಾದಕರು ಟಿಪ್ಪಣಿ ಮಾಡಲಿ. ಮೋಡಿಯನ್ನು ಓದಬಲ್ಲವರು ನಮ್ಮಲ್ಲಿ ಇನ್ನು ಕೆಲವರೇ ಉಳಿದಿದ್ದಾರೆ; ಈ ಮಳೆಗಾಲದೊಳಗೇ ಕೆಲಸವು ಆರಂಭವಾದರೆ ಒಳ್ಳೆಯದು.