ಸರೋವರ ಕಂಡವರು, ಊರು ಕಾಣದವರು

ಅಮೆರಿಕದಲ್ಲಿ ನೆಲೆಸಿದ ಮಕ್ಕಳ ಮನೆಗೆ ಹೋದ ನಮ್ಮ ಹಿರಿಯರು ಅಲ್ಲಿಂದಲೇ ಮೆಕ್ಸಿಕೋ ದೇಶವನ್ನೂ ನೋಡಿಕೊಂಡು ಬರುವುದುಂಟು. ಬಂದ ಮೇಲೆ ಅವರು ತೋರಿಸುವ ಚಿತ್ರಗಳಲ್ಲಿ ದಕ್ಷಿಣದ ಚಿಯಾಪಾಸ್ ರಾಜ್ಯದ ಸರೋವರಗಳೂ ಜಲಪಾತಗಳೂ ಇದ್ದರೆ ನೋಡಿದವರು ಬೆರಗಾಗದೆ ಇರಲಾರರು. ಒಂದು ಕೊಳ ಹಸಿರು, ಪಕ್ಕದ್ದು ನೀಲಿ, ಇನ್ನೊಂದು ನವಿಲುಗರಿಯ ಬಣ್ಣ. ಈ ಚಿತ್ರಗಳ ಹಿಂದೆ ಇರುವುದು ಒಂದು ಸಿದ್ಧ ಕಾರ್ಯಕ್ರಮ. ಮುಂಜಾನೆ ಸಾನ್ ಕ್ರಿಸ್ತೋಬಾಲ್ ಪಟ್ಟಣದಿಂದ ವ್ಯಾನು ಹೊರಡುತ್ತದೆ, ಮಾರ್ಗದರ್ಶಿ ಜೊತೆಗಿರುತ್ತಾನೆ, ಸಂಜೆ ಕತ್ತಲಾಗುವ ಹೊತ್ತಿಗೆ ಹೊರಟಲ್ಲಿಗೇ ತಂದು ಬಿಡುತ್ತಾನೆ.

ಈ ಒಂದು ದಿನದ ಪ್ರವಾಸವನ್ನು ಒಂದು ಕೃತಿಯೆಂದೇ ಭಾವಿಸಿ ವಿಮರ್ಶಿಸಬಹುದೆಂದು ನನಗೆ ತೋರುತ್ತದೆ. ಅದಕ್ಕೂ ಒಂದು ಆದಿ, ಮಧ್ಯ, ಅಂತ್ಯ ಉಂಟು; ಯಾವುದನ್ನು ಹೇಳಬೇಕು, ಯಾವುದನ್ನು ಬಿಡಬೇಕು ಎಂಬ ಆಯ್ಕೆಯೂ ಉಂಟು. ಅಲ್ಲದೆ ಅದೇ ದಾರಿಯ ಮೇಲೆ ಒಬ್ಬ ದೊಡ್ಡ ಲೇಖಕಿಯ ಊರೂ ಇದೆ. ರೊಸಾರಿಯೊ ಕಾಸ್ತೆಯಾನೋಸ್ ೧೯೫೭ರಲ್ಲಿ ಪ್ರಕಟಿಸಿದ 'ಬಲುನ್ ಕನಾನ್' ಕಾದಂಬರಿ ಈ ಪ್ರದೇಶದ್ದೇ ಕಥೆ. ಐರೀನ್ ನಿಕಲ್ಸನ್ ಅದನ್ನು 'ದ ನೈನ್ ಗಾರ್ಡಿಯನ್ಸ್' ಎಂಬ ಹೆಸರಿನಲ್ಲಿ ಇಂಗ್ಲಿಷಿಗೆ ತಂದಿದ್ದಾರೆ. ಪ್ರವಾಸವನ್ನೂ ಕಾದಂಬರಿಯನ್ನೂ ಎದುರುಬದುರು ಇಟ್ಟು ನೋಡುವುದು ಈ ಲೇಖನದ ಉದ್ದೇಶ.

ಮೊದಲು ಪ್ರವಾಸದ ಮಾತು. ಸಾನ್ ಕ್ರಿಸ್ತೋಬಾಲ್ ಸಮುದ್ರಮಟ್ಟದಿಂದ ಸುಮಾರು ೨,೨೦೦ ಮೀಟರ್ ಎತ್ತರದ ಚಳಿಯ ಊರು. ಅಲ್ಲಿಂದ ಆಗ್ನೇಯಕ್ಕೆ ಇಳಿಯುವ ದಾರಿಯಲ್ಲಿ ಮೊದಲು ಅಮತೆನಾಂಗೊ ಎಂಬ ಕುಂಬಾರಿಕೆಯ ಗ್ರಾಮ ಸಿಗುತ್ತದೆ. ತ್ಸೆಲ್ತಾಲ್ ಭಾಷೆಯ ಹೆಂಗಸರು ಮಣ್ಣಿನ ಪಾರಿವಾಳ, ಚಿರತೆಗಳನ್ನು ರಸ್ತೆಯ ಪಕ್ಕದಲ್ಲಿ ಹರಡಿಕೊಂಡಿರುತ್ತಾರೆ. ಮುಂದೆ ಸಾನ್ ವಿಸೆಂತೆ ನದಿಯ ಎಲ್ ಚಿಫ್ಲೋನ್ ಜಲಪಾತಗಳ ಸಾಲು. ನದಿಯ ಪಕ್ಕದ ಮೆಟ್ಟಿಲು ಹತ್ತುತ್ತ ಹೋದರೆ ಒಂದಾದ ಮೇಲೊಂದು ಧುಮುಕು. ಅವುಗಳಲ್ಲಿ ದೊಡ್ಡದಕ್ಕೆ 'ಮದುವಣಗಿತ್ತಿಯ ಮುಸುಕು' ಎಂಬ ಅರ್ಥದ ಹೆಸರು. ಸುಣ್ಣಕಲ್ಲಿನ ಸೀಮೆಯಾದ್ದರಿಂದ ಬೇಸಿಗೆಯಲ್ಲಿ ನೀರು ತಿಳಿನೀಲಿಯಾಗಿರುತ್ತದೆ, ಮಳೆಗಾಲದಲ್ಲಿ ಕೆಂಪು ಮಣ್ಣಿನ ಬಣ್ಣಕ್ಕೆ ತಿರುಗುತ್ತದೆ. ಅದಾದ ಮೇಲೆ ಗ್ವಾಟೆಮಾಲಾ ಗಡಿಗೆ ತಾಗಿಕೊಂಡ ಮಾಂಟೆಬೆಲ್ಲೊ ಸರೋವರಗಳು. ೧೯೫೯ರಲ್ಲಿ ರಾಷ್ಟ್ರೀಯ ಉದ್ಯಾನವೆಂದು ಘೋಷಿತವಾದ, ೨೦೦೯ರಲ್ಲಿ ಯುನೆಸ್ಕೋ ಜೀವಗೋಳ ಮೀಸಲು ಪ್ರದೇಶಗಳ ಪಟ್ಟಿಗೆ ಸೇರಿದ ಈ ಪೈನ್ ಕಾಡಿನಲ್ಲಿ ೫೯ ಕೊಳಗಳಿವೆಯೆಂದು ಲೆಕ್ಕ ಹೇಳುತ್ತಾರೆ. ಪ್ರವಾಸಿಗೆ ದಕ್ಕುವುದು ನಾಲ್ಕೋ ಐದೋ. ದಿನದ ಹನ್ನೆರಡು ಗಂಟೆಗಳಲ್ಲಿ ಆರೇಳು ಗಂಟೆ ವ್ಯಾನಿನಲ್ಲೇ ಕಳೆದುಹೋಗುತ್ತವೆ.

ಇಷ್ಟಕ್ಕೇ ಈ ಪ್ರವಾಸವನ್ನು ಹಳಿಯುವುದು ಸರಿಯಲ್ಲ. ರಜೆ ಕಡಿಮೆ, ಕಾಲಿನಲ್ಲಿ ಶಕ್ತಿ ಕಡಿಮೆ, ಭಾಷೆ ಬಾರದು. ಅಂಥವರಿಗೆ ಇಂಥ ಏರ್ಪಾಡು ಇಲ್ಲದಿದ್ದರೆ ಆ ನೀರಿನ ದರ್ಶನವೇ ಇಲ್ಲ. ಎಲ್ ಚಿಫ್ಲೋನ್ ಜಲಪಾತದ ಆವರಣವನ್ನು ನಡೆಸುವವರು ಅಲ್ಲಿನ ಗ್ರಾಮದ ಸಾಮುದಾಯಿಕ ಭೂಮಿಯ ಒಡೆಯರಾದ ರೈತರೇ. ಪ್ರವೇಶದ ಹಣ ಅವರ ಕೈಗೇ ಹೋಗುತ್ತದೆ. ಇದು ಮೆಚ್ಚತಕ್ಕ ವ್ಯವಸ್ಥೆ. ನನ್ನ ಆಕ್ಷೇಪ ಅವಸರದ ಬಗ್ಗೆ ಅಲ್ಲ, ಆಯ್ಕೆಯ ಬಗ್ಗೆ. ಈ ದಿನದ ಕಾರ್ಯಕ್ರಮದಲ್ಲಿ ನೀರು ಉಂಟು, ನೀರಿನ ದಡದ ಮನುಷ್ಯರು ಇಲ್ಲ. ಜಲಪಾತಕ್ಕೂ ಸರೋವರಕ್ಕೂ ನಡುವೆ ಸಿಗುವ ಕೊಮಿತಾನ್ ಪಟ್ಟಣ ಬಹುಮಂದಿಗೆ ಕಿಟಕಿಯ ಆಚೆ ಹಾದುಹೋಗುವ ಊರು, ಅಷ್ಟೆ.

ಕಾದಂಬರಿ ನಿಂತಿರುವುದು ಆ ಕೊಮಿತಾನಿನಲ್ಲೇ. 'ಬಲುನ್ ಕನಾನ್' ಎಂಬುದು ಆ ಊರಿನ ಹಳೆಯ ಮಾಯಾ ಹೆಸರು. ಒಂಬತ್ತು ನಕ್ಷತ್ರಗಳೆಂದೂ ಒಂಬತ್ತು ಕಾವಲುಗಾರರೆಂದೂ ಅದಕ್ಕೆ ಅರ್ಥ ಹೇಳುತ್ತಾರೆ. ಲೇಖಕಿ ೧೯೨೫ರಲ್ಲಿ ಮೆಕ್ಸಿಕೋ ನಗರದಲ್ಲಿ ಹುಟ್ಟಿದರೂ ಬೆಳೆದದ್ದು ಕೊಮಿತಾನಿನ ಜಮೀನ್ದಾರಿ ಮನೆಯಲ್ಲಿ. ೧೯೭೪ರಲ್ಲಿ ಇಸ್ರೇಲಿನಲ್ಲಿ ತನ್ನ ದೇಶದ ರಾಯಭಾರಿಯಾಗಿದ್ದಾಗ ಆಕಸ್ಮಿಕವಾಗಿ ತೀರಿಕೊಂಡರು. ಕಥೆಯ ಕಾಲ ಲಾಸಾರೊ ಕಾರ್ದೆನಾಸ್ ಅಧ್ಯಕ್ಷರಾಗಿದ್ದ ೧೯೩೪ರಿಂದ ೧೯೪೦ರ ಅವಧಿ; ಜಮೀನ್ದಾರರ ಭೂಮಿಯನ್ನು ಉಳುವವರಿಗೆ ಹಂಚಲು ಸರಕಾರ ಹೊರಟಿದ್ದ ದಿನಗಳು.

ಕಾದಂಬರಿಯ ಮೂರು ಭಾಗಗಳಲ್ಲಿ ಮೊದಲನೆಯದನ್ನೂ ಮೂರನೆಯದನ್ನೂ ಏಳು ವರ್ಷದ ಹುಡುಗಿಯೊಬ್ಬಳು ಹೇಳುತ್ತಾಳೆ. ಅವಳಿಗೆ ಹೆಸರಿಲ್ಲ. ಅವಳನ್ನು ಸಾಕಿದ ಮೂಲನಿವಾಸಿ ದಾದಿಗೂ ಹೆಸರಿಲ್ಲ. ಹೆಸರಿರುವುದು ತಂದೆ ಸೆಸಾರನಿಗೆ, ತಾಯಿ ಸೊರಾಯ್ದಾಳಿಗೆ, ವಂಶೋದ್ಧಾರಕನೆಂದು ಎಲ್ಲರೂ ನಂಬಿದ ತಮ್ಮ ಮಾರಿಯೊನಿಗೆ. ಮೊದಲ ಪುಟದಲ್ಲೇ ದಾದಿ, ತನ್ನ ಜನರಿಂದ ಮಾತನ್ನೇ ಕಿತ್ತುಕೊಂಡ ಬಗೆಯನ್ನು ಹೇಳಲು ತೊಡಗುತ್ತಾಳೆ. ಹುಡುಗಿ ಆ ಕಥೆ ಬೇಡವೆಂದು ತಡೆಯುತ್ತಾಳೆ. ಮುಂದೆ ಆ ಜನರ ಚರಿತ್ರೆ ಬರೆದಿಟ್ಟ ಕಾಗದಗಳು ಹುಡುಗಿಯ ಕೈಗೆ ಸಿಗುತ್ತವೆ. ತಾಯಿ ಅವನ್ನು ಕಸಿದುಕೊಳ್ಳುತ್ತಾಳೆ, ಅವು ಗಂಡುಮಗನ ಆಸ್ತಿಯೆಂಬ ಕಾರಣಕ್ಕೆ. ಜಾತಿಯಿಂದ ಮಾತು ಕಳೆದುಕೊಂಡವಳು ಒಬ್ಬಳು, ಹೆಣ್ಣೆಂದು ಮಾತು ಕಳೆದುಕೊಂಡವಳು ಇನ್ನೊಬ್ಬಳು. ಇವರಿಬ್ಬರನ್ನು ಒಂದೇ ಅಡುಗೆಮನೆಯಲ್ಲಿ ಕೂರಿಸಿದ್ದು ಕಾಸ್ತೆಯಾನೋಸರ ದೊಡ್ಡ ಸಾಧನೆ. ಎಲ್ಲಿಯೂ ಅವರು ಇದನ್ನು ಸಿದ್ಧಾಂತವಾಗಿ ಹೇಳುವುದಿಲ್ಲ.

ಕಾದಂಬರಿಯ ಅತಿ ತೀಕ್ಷ್ಣ ಸನ್ನಿವೇಶ ಶಾಲೆಯದು. ಐದಕ್ಕಿಂತ ಹೆಚ್ಚು ಮೂಲನಿವಾಸಿ ಕುಟುಂಬಗಳು ದುಡಿಯುವ ಜಮೀನಿನಲ್ಲಿ ಒಡೆಯನೇ ಶಾಲೆ ನಡೆಸಬೇಕೆಂಬ ಕಾನೂನು ಬರುತ್ತದೆ. ಸೆಸಾರ್ ತನ್ನ ಸಂಬಂಧಿಯೇ ಆದ, ಆದರೆ ಮದುವೆಯಾಚೆ ಹುಟ್ಟಿದ ಎರ್ನೆಸ್ತೊ ಎಂಬ ಯುವಕನನ್ನು ಮಾಸ್ತರನಾಗಿ ಕರೆದೊಯ್ಯುತ್ತಾನೆ. ಮಕ್ಕಳಿಗೆ ಸ್ಪ್ಯಾನಿಷ್ ಬಾರದು, ಮಾಸ್ತರನಿಗೆ ತ್ಸೆಲ್ತಾಲ್ ಬಾರದು. ಕೊನೆಗೆ ಅವನು ಪಂಚಾಂಗದಂಥ ಒಂದು ಪುಸ್ತಕವನ್ನು ಗಟ್ಟಿಯಾಗಿ ಓದುತ್ತ ಕೂರುತ್ತಾನೆ. ಕಾನೂನು ಪಾಲನೆಯಾಯಿತು, ವಿದ್ಯೆ ಮಾತ್ರ ಬರಲಿಲ್ಲ. ಫೆಲಿಪೆ ಎಂಬ ಕೆಲಸಗಾರ ಹೊರಗೆ ದುಡಿಯಲು ಹೋದಾಗ ಓದು ಕಲಿತವನು; ಅವನು ಒಡೆಯನೆದುರು ನಿಂತು ಸ್ಪ್ಯಾನಿಷಿನಲ್ಲೇ ಮಾತಾಡಿದಾಗ ಆ ಮನೆಯವರಿಗೆ ಅದು ಅಹಂಕಾರವಾಗಿ ಕೇಳಿಸುತ್ತದೆ. ಭಾಷೆಯೆಂಬುದು ಅಲ್ಲಿ ಕೇವಲ ವ್ಯವಹಾರದ ಸಾಧನವಲ್ಲ, ಯಾರು ಎಲ್ಲಿ ನಿಲ್ಲಬೇಕು ಎಂದು ತೋರಿಸುವ ಗೆರೆ. ಮನೆಯಲ್ಲೊಂದು, ಶಾಲೆಯಲ್ಲೊಂದು, ಬೀದಿಯಲ್ಲೊಂದು ಭಾಷೆ ಆಡುತ್ತ ಮಕ್ಕಳನ್ನು ಬೆಳೆಸುತ್ತಿರುವ ಹೊರನಾಡ ಕನ್ನಡಿಗರಿಗೆ ಈ ಭಾಗವನ್ನು ವಿವರಿಸಬೇಕಾದ ಅಗತ್ಯವಿಲ್ಲ. ಆದರೆ ನಮ್ಮ ಕಷ್ಟವೂ ಅವರ ಕಷ್ಟವೂ ಒಂದೇ ಎಂದರೆ ಅದು ಅನ್ಯಾಯದ ಮಾತಾಗುತ್ತದೆ. ನಾವು ಕೆಲಸ ಹುಡುಕಿಕೊಂಡು ಬೇರೆ ಭಾಷೆಯ ಊರಿಗೆ ಬಂದವರು. ಅವರು ತಮ್ಮ ಊರಿನಲ್ಲೇ ಇದ್ದು ಭಾಷೆಯ ಮಾನ ಕಳೆದುಕೊಂಡವರು.

ಕೃತಿಯಲ್ಲಿ ದೋಷಗಳಿಲ್ಲವೆಂದಲ್ಲ. ಎರಡನೆಯ ಭಾಗದಲ್ಲಿ ಲೇಖಕಿ ಹುಡುಗಿಯ ದನಿಯನ್ನು ಬಿಟ್ಟು ತಾವೇ ಕಥೆ ಹೇಳತೊಡಗುತ್ತಾರೆ. ಕಬ್ಬಿನ ಗದ್ದೆಗೆ ಬೆಂಕಿ ಬೀಳುವುದು, ಎರ್ನೆಸ್ತೊ ಕೊಲೆಯಾಗುವುದು ಮುಂತಾದ ದೊಡ್ಡ ಘಟನೆಗಳನ್ನು ಮಗುವಿನ ಕಣ್ಣಿನಿಂದ ಹೇಳಲು ಸಾಧ್ಯವಿಲ್ಲವೆಂದು ಅವರಿಗೆ ಅನ್ನಿಸಿರಬೇಕು. ಆದರೆ ಅಲ್ಲಿ ಪಾತ್ರಗಳ ಮನಸ್ಸಿನ ಮಾತುಗಳೆಲ್ಲ ಒಂದೇ ಧಾಟಿಯಲ್ಲಿ ಹರಿಯುತ್ತವೆ. ಸೊರಾಯ್ದಾ ಯೋಚಿಸುವ ಬಗೆಗೂ ಎರ್ನೆಸ್ತೊ ಯೋಚಿಸುವ ಬಗೆಗೂ ಇರಬೇಕಾದ ಅಂತರ ಸಾಲದು. ಮೂಲನಿವಾಸಿಗಳ ಬಾಯಿಂದ ಬರುವ ಮಾತು ಮಾಯಾ ಪುರಾಣಗಳ ಗಂಭೀರ ಶೈಲಿಯಲ್ಲಿದೆ. ಅದು ಸುಂದರ, ನಿಜ. ಆದರೆ ಹಸಿವು, ಸಾಲ, ಜಗಳಗಳ ನಡುವೆ ಬದುಕುವವರು ದಿನವೆಲ್ಲ ಪುರಾಣದ ಭಾಷೆಯಲ್ಲಿ ಮಾತಾಡಲಾರರು.

ಈ ಕೊರತೆ ಲೇಖಕಿಗೆ ತಿಳಿಯದೆ ಇರಲಿಲ್ಲವೆಂಬುದಕ್ಕೆ ಕಾದಂಬರಿಯ ಕೊನೆಯೇ ಸಾಕ್ಷಿ. ದಾದಿಯನ್ನು ಸೊರಾಯ್ದಾ ಹೊಡೆದು ಹೊರಗಟ್ಟಿದ್ದಾಳೆ, ಮಾರಿಯೊ ತೀರಿಕೊಂಡಿದ್ದಾನೆ. ಒಂದು ದಿನ ಬೀದಿಯಲ್ಲಿ ಹುಡುಗಿ ತನ್ನ ದಾದಿಯನ್ನು ಕಂಡೆನೆಂದು ಓಡುತ್ತಾಳೆ. ಹತ್ತಿರ ಹೋದರೆ ಅವಳು ಬೇರೆ ಹೆಂಗಸು. ಆ ಜನರ ಮುಖಗಳೆಲ್ಲ ತನಗೆ ಒಂದೇ ಹಾಗೆ ಕಾಣುತ್ತವೆಯಲ್ಲ ಎಂದು ಹುಡುಗಿಗೆ ಅನ್ನಿಸುತ್ತದೆ. ಎದೆಗವಚಿ ಸಾಕಿದವಳ ಮುಖವನ್ನೇ ಗುರುತಿಸಲಾಗದ ಹಾಗೆ ಆ ಮನೆ, ಆ ಊರು ಅವಳನ್ನು ಬೆಳೆಸಿಬಿಟ್ಟಿವೆ. ಇಷ್ಟು ಕಠಿಣವಾದ ಆತ್ಮವಿಮರ್ಶೆಯನ್ನು ಮಗುವಿನ ಬಾಯಿಂದ ಹೇಳಿಸಿದ ಕೃತಿಗಳು ಕಡಿಮೆ.

ಈಗ ಮತ್ತೆ ಪ್ರವಾಸವನ್ನು ನೋಡಿ. ಅಮತೆನಾಂಗೊದ ರಸ್ತೆಬದಿಯಲ್ಲಿ ಮಣ್ಣಿನ ಪಾರಿವಾಳ ಹಿಡಿದು ನಿಂತ ಹೆಂಗಸಿನ ಚಿತ್ರ ತೆಗೆದುಕೊಂಡು ಮುಂದೆ ಹೋದವರಿಗೆ ಆ ಮುಖವೂ ಹಾಗೆಯೇ ಅಲ್ಲವೇ? ಕಾದಂಬರಿಯ ಹುಡುಗಿಗೆ ತಾನು ಕಾಣಲಾರೆನೆಂಬುದಾದರೂ ತಿಳಿಯಿತು. ಪ್ರವಾಸಿಗೆ ಅದು ತಿಳಿಯಲು ಕಾರ್ಯಕ್ರಮ ಎಡೆಗೊಡುವುದಿಲ್ಲ.

ಇನ್ನೆರಡು ಉದಾಹರಣೆ ಕೊಡುತ್ತೇನೆ. ಸರೋವರಗಳ ಪ್ರದೇಶದಲ್ಲಿ ಗಡಿಯ ಕಂಬವೊಂದಿದೆ. ಒಂದು ಕಾಲು ಮೆಕ್ಸಿಕೋದಲ್ಲಿ, ಇನ್ನೊಂದು ಗ್ವಾಟೆಮಾಲಾದಲ್ಲಿ ಇಟ್ಟು ಚಿತ್ರ ತೆಗೆಸಿಕೊಳ್ಳುವುದು ಪ್ರವಾಸದ ಒಂದು ವಿನೋದ. ಆ ಗೆರೆ ೧೮೮೨ರ ಒಪ್ಪಂದದಿಂದ ಬಂದದ್ದು. ದಡದಲ್ಲಿರುವ ತ್ಸಿಸ್ಕಾವ್ ಊರಿನ ಚೂಹ್ ಜನರ ಬಂಧುಬಳಗ ಗೆರೆಯ ಎರಡೂ ಕಡೆ ಇದೆ. ೧೯೮೦ರ ದಶಕದ ಆರಂಭದಲ್ಲಿ ಗ್ವಾಟೆಮಾಲಾದ ಸೈನ್ಯ ಹಳ್ಳಿಗಳನ್ನು ಸುಟ್ಟು ಕೊಂದಾಗ ಹತ್ತಾರು ಸಾವಿರ ಮಾಯಾ ಜನ ಜೀವ ಉಳಿಸಿಕೊಳ್ಳಲು ದಾಟಿ ಬಂದದ್ದು ಚಿಯಾಪಾಸಿನ ಇದೇ ಗಡಿಯನ್ನು. ಇನ್ನೊಂದು, ನೀರಿನದೇ ಮಾತು. ೨೦೦೩ರಿಂದೀಚೆಗೆ ಉದ್ಯಾನದ ವಾಯವ್ಯ ಭಾಗದ ಕೆಲವು ಸರೋವರಗಳ ಬಣ್ಣ ಕೆಟ್ಟಿದೆ, ನೀರು ಕದಡಿದೆ, ಮೀನು ಸತ್ತಿವೆ. ಕೊಮಿತಾನಿನ ಚರಂಡಿ ನೀರೂ ಹೊಲಗಳ ರಾಸಾಯನಿಕಗಳೂ ನದಿಯ ಮೂಲಕ ಬಂದು ಸೇರುವುದು ಅದಕ್ಕೆ ಮುಖ್ಯ ಕಾರಣ. ಕಿಟಕಿಯಾಚೆ ಬಿಟ್ಟುಹೋದ ಊರು ಹೀಗೆ ಸರೋವರದೊಳಗೇ ಬಂದು ಕೂತಿದೆ. ಊರನ್ನು ಬಿಟ್ಟು ನೀರನ್ನಷ್ಟೇ ನೋಡುತ್ತೇನೆಂದರೆ ನೀರೂ ಅರ್ಥವಾಗುವುದಿಲ್ಲ.

೧೯೯೪ರ ಜನವರಿ ೧ರಂದು ಸಪಾತಿಸ್ತಾ ಬಂಡಾಯಗಾರರು ಸಾನ್ ಕ್ರಿಸ್ತೋಬಾಲನ್ನೂ ಕೊಮಿತಾನಿನ ನೆರೆಯ ಲಾಸ್ ಮಾರ್ಗರಿತಾಸ್ ಊರನ್ನೂ ಹಿಡಿದಾಗ ಜಗತ್ತು ಬೆಚ್ಚಿತು. 'ಬಲುನ್ ಕನಾನ್' ಓದಿದವರಿಗೆ ಅದು ಅಷ್ಟು ಅನಿರೀಕ್ಷಿತವಾಗಿ ಕಾಣಲಾರದು. ಭೂಮಿ, ಶಾಲೆ, ಭಾಷೆಯ ಮಾನ, ಈ ಮೂರನ್ನೂ ಫೆಲಿಪೆ ಮೂವತ್ತೇಳು ವರ್ಷ ಮೊದಲೇ ಕಾದಂಬರಿಯಲ್ಲಿ ಕೇಳಿದ್ದ.

ಇದನ್ನೆಲ್ಲ ದೂರದ ದೇಶದ ಸಂಗತಿಯೆಂದು ಓದಿ ಮುಗಿಸಬಾರದು. ನಮ್ಮಲ್ಲಿ ಎಷ್ಟೋ ಕುಟುಂಬಗಳು ಬೇಸಿಗೆಯ ರಜೆಯಲ್ಲಿ ಮಕ್ಕಳಿಗೆ ಜೋಗ ತೋರಿಸುತ್ತವೆ. ರಾಜ, ರಾಣಿ, ರೋರರ್, ರಾಕೆಟ್ ಎಂದು ನಾಲ್ಕು ಹೆಸರು, ೮೩೦ ಅಡಿ ಎಂಬ ಒಂದು ಅಂಕಿ, ಎರಡು ಚಿತ್ರ, ಒಂದು ಊಟ. ಶರಾವತಿಗೆ ೧೯೬೪ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದಾಗ ಮುಳುಗಿದ ಹಳ್ಳಿಗಳ ಮಾತನ್ನು ಮಕ್ಕಳಿಗೆ ಹೇಳುವವರು ಎಷ್ಟು ಮಂದಿ? ಹಿನ್ನೀರಿನಾಚೆ ಉಳಿದವರು ೨೦೨೫ರ ಜುಲೈಯಲ್ಲಿ ಸಿಗಂದೂರು ಸೇತುವೆ ತೆರೆಯುವ ತನಕ ಲಾಂಚನ್ನು ಕಾಯುತ್ತ ಬದುಕಿದರು. ಈ ಬಾಳನ್ನು ನಾ. ಡಿಸೋಜರು 'ದ್ವೀಪ'ದಲ್ಲಿ ಬರೆದಿದ್ದಾರೆ. ಗಿರೀಶ ಕಾಸರವಳ್ಳಿಯವರು ೨೦೦೨ರಲ್ಲಿ ಅದನ್ನು ಚಲನಚಿತ್ರವಾಗಿಸಿದ್ದಾರೆ. ಕೊಮಿತಾನಿಗೆ ಕಾಸ್ತೆಯಾನೋಸ್ ಇದ್ದಂತೆ ಶರಾವತಿಯ ಮುಳುಗಡೆಯ ಸೀಮೆಗೆ ಡಿಸೋಜ ಇದ್ದಾರೆ. ನಾವು ಓದಬೇಕು, ಅಷ್ಟೆ. ಊರು ಬಿಟ್ಟು ಬಂದ ನಮಗೆ ಊರು ಎರಡು ದಿನದ ನೋಟವಾಗಿ ಉಳಿಯುವ ಅಪಾಯ ಹೆಚ್ಚು. ನಮ್ಮ ಮಕ್ಕಳಿಗಂತೂ ಅದು ಬರಿಯ ಜಲಪಾತವಾಗಿಯೇ ಉಳಿದೀತು.

ಆದುದರಿಂದ ಪ್ರವಾಸ ಬೇಡವೆಂದು ನನ್ನ ವಾದವಲ್ಲ. ಮೆಕ್ಸಿಕೋಗೆ ಹೋಗುವ ಅವಕಾಶವಿದ್ದವರು ಹೋಗಿಬರಲಿ. ಹೊರಡುವ ಮುನ್ನ ಈ ಕಾದಂಬರಿಯನ್ನು ಓದಲಿ, ಸಾಧ್ಯವಾದರೆ ಕೊಮಿತಾನಿನಲ್ಲಿ ಒಂದು ರಾತ್ರಿ ತಂಗಲಿ, ಈ ದಡದಲ್ಲಿ ಇರುವವರು ಯಾರು, ಇವರು ಆಡುವ ಭಾಷೆ ಯಾವುದು, ಈ ನೀರು ಎಲ್ಲಿಂದ ಬರುತ್ತದೆ ಎಂದು ಮಾರ್ಗದರ್ಶಿಯನ್ನು ಕೇಳಲಿ. ಕೇಳಿದರೆ ಹೇಳುವವರು ಅವರಲ್ಲಿಯೂ ಇದ್ದೇ ಇರುತ್ತಾರೆ. ನಮ್ಮ ಸಂಘದ ಬಳಗದವರು ಮುಂದಿನ ರಜೆಯಲ್ಲಿ ಮಲೆನಾಡಿಗೆ ಬಸ್ಸು ಹೊರಡಿಸುವುದಾದರೆ, ಅದಕ್ಕೂ ಒಂದು ತಿಂಗಳು ಮೊದಲು ಗ್ರಂಥಾಲಯದಲ್ಲಿ 'ದ್ವೀಪ'ವನ್ನು ಒಟ್ಟಿಗೆ ಓದುವ ಎರಡು ಸಂಜೆಗಳನ್ನು ಏರ್ಪಡಿಸಬೇಕೆಂದು ಸೂಚಿಸುತ್ತೇನೆ. ಇದಕ್ಕೆ ಖರ್ಚೇನೂ ಹೆಚ್ಚಿಲ್ಲ.