ಓಬವ್ವನ ಕಿಂಡಿಯಲ್ಲಿ ಯಾರ ದನಿ?

ಕನ್ನಡದಲ್ಲಿ 'ಕೇಳು' ಅನ್ನೋ ಮಾತಿಗೆ ಎರಡು ಅರ್ಥ. ಒಂದು, ಕಿವಿಗೊಡು. ಇನ್ನೊಂದು, ಪ್ರಶ್ನೆ ಮಾಡು. ಊರು ನಮ್ಮ ಕೇರಿಗೆ ಶತಮಾನಗಳ ಕಾಲ ಬಿಟ್ಟುಕೊಟ್ಟದ್ದು ಮೊದಲನೆಯ ಅರ್ಥವನ್ನು ಮಾತ್ರ. ಹೇಳಿದ್ದನ್ನು ಕೇಳು, ತಿರುಗಿ ಕೇಳಬೇಡ. ಈಚೆಗೆ ಕೋಟೆ ಅರಮನೆಗಳಲ್ಲಿ ಟಿಕೇಟಿನ ಜತೆ ಕಿವಿಗೆ ಬರುತ್ತಿರುವ ದನಿಯನ್ನು ಕೇಳಿದಾಗ ನಮಗೆ ಈ ಎರಡು ಅರ್ಥಗಳ ಜಗಳ ನೆನಪಾಯಿತು.

ಈ ಉಪಾಯ ಹೊಸದೇನಲ್ಲ. 1952ರಲ್ಲೇ ಆಮ್‌ಸ್ಟರ್‌ಡ್ಯಾಮಿನ ಸ್ಟೆಡೆಲಿಕ್ ಮ್ಯೂಸಿಯಮ್ಮಿನಲ್ಲಿ ನೋಡುಗರ ಕೈಗೆ ಪುಟ್ಟ ರೇಡಿಯೋ ಕೊಟ್ಟು ಭಾಷಣ ಬಿತ್ತರಿಸಿದ್ದರು. ದನಿ ಒಂದೇ ಆದ್ದರಿಂದ ಜನವೆಲ್ಲ ಒಂದೇ ಸಲಕ್ಕೆ ಒಂದೇ ಕಡೆ ಕತ್ತು ತಿರುಗಿಸಬೇಕಾಗಿತ್ತು. ಆಮೇಲೆ ಕ್ಯಾಸೆಟ್ಟು ಬಂತು, ಅಂಕೆ ಒತ್ತುವ ಪೆಟ್ಟಿಗೆ ಬಂತು. ನಮ್ಮ ಮೈಸೂರು ಅರಮನೆಯಲ್ಲೂ ಇಂಥ ಧ್ವನಿ ಮಾರ್ಗದರ್ಶಿ ಬಂದಿದೆ. ಈಗಂತೂ ಪೆಟ್ಟಿಗೆಯೂ ಬೇಡ, ಜೇಬಿನ ಫೋನೇ ಸಾಕು. ಟಿಕೇಟು ತಗೋ, ಕಿವಿಗೆ ಸಿಕ್ಕಿಸಿಕೋ, ನಿನ್ನ ಪಾಡಿಗೆ ನೀನು ನಡಿ. ಚಿತ್ರದುರ್ಗದ ಕೋಟೆಯ ಕತೆ ಹೇಳುವ ದನಿಗಳೂ ಫೋನಿನಲ್ಲಿ ಬೇಕಾದಷ್ಟಿವೆ.

ಯಂತ್ರ ಅಂದಕೂಡಲೇ ಬೈಯುವ ಜನ ನಾವಲ್ಲ. ಇದರ ಒಳ್ಳೆಯ ಗುಣವನ್ನು ಮೊದಲು ಹೇಳಿಬಿಡಬೇಕು. ಗೈಡಿಗೆ ಕೊಡಲು ನೂರಾರು ರೂಪಾಯಿ ಇಲ್ಲದವನಿಗೆ ಇದು ಅಗ್ಗ. ಕಣ್ಣು ಕಾಣದವರಿಗೆ ಇದು ಕಣ್ಣು. ಓದು ಬಾರದ ನಮ್ಮ ತಾಯಂದಿರಿಗೆ ಕಲ್ಲಿನ ಮೇಲಿನ ಬೋರ್ಡಿಗಿಂತ ಇದು ಹತ್ತಿರ. ಇನ್ನೊಂದು ಮಾತಿದೆ. ಒಮ್ಮೆ ಒಂದು ಊರಿನಲ್ಲಿ, ಗುಡಿ ತೋರಿಸುವವನೊಬ್ಬ ನಮ್ಮ ಗುಂಪನ್ನು ಮೇಲಿಂದ ಕೆಳಗೆ ನೋಡಿ, "ಯಾವೂರು? ಯಾವ ಜನ?" ಅಂದಿದ್ದ. ಉತ್ತರ ಕೇಳಿದ ಮೇಲೆ ಅವನ ದನಿಯೇ ಬದಲಾಯಿತು, ಕತೆಯೂ ಗಿಡ್ಡವಾಯಿತು. ಯಂತ್ರ ಹಾಗೆ ಮಾಡಲ್ಲ. ಅದು ಜಾತಿ ಕೇಳಲ್ಲ. ಈ ದೇಶದಲ್ಲಿ ಇದು ಸಣ್ಣ ಸಂಗತಿಯೂ ಅಲ್ಲ.

ಆದರೆ ಯಂತ್ರದೊಳಗೆ ಕೂತು ಮಾತಾಡುವವನಿಗೆ ಜಾತಿ ಇದೆ. ನಮ್ಮ ತಕರಾರು ಇರುವುದು ಇಲ್ಲಿ.

ಹೋದ ಮಾಗಿಯಲ್ಲಿ ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ತಾಲ್ಲೂಕುಗಳ ನಾವು ಕೆಲವು ಮೇಷ್ಟರುಗಳು ಮಕ್ಕಳನ್ನು ಕರಕೊಂಡು ದುರ್ಗದ ಕೋಟೆಗೆ ಹೋಗಿದ್ದೆವು. ಹದಿನೈದು ವರ್ಷದೊಳಗಿನ ಮಕ್ಕಳಿಗೆ ಟಿಕೇಟಿಲ್ಲ. ನಮಗೆ ತಲಾ 25 ರೂಪಾಯಿ. ಏಕನಾಥೇಶ್ವರಿ ಗುಡಿ, ಗೋಪಾಲಸ್ವಾಮಿ ಹೊಂಡ, ಅಕ್ಕ ತಂಗಿ ಹೊಂಡ, ಮದ್ದು ಅರೆಯುವ ಕಲ್ಲು ಎಲ್ಲ ಆಯಿತು. ಓಬವ್ವನ ಕಿಂಡಿಯ ಹತ್ತಿರ ಬಂದಾಗ ನಮ್ಮ ಜತೆಗಿದ್ದ ಒಬ್ಬ ಹುಡುಗ ಫೋನಿನಲ್ಲಿ ಒಂದು ದನಿ ಹಾಕಿದ. ಒಳ್ಳೇ ಗಂಭೀರವಾದ ದನಿ. ಹಿಂದೆ ಕಹಳೆ, ಭೇರಿ. 'ಪತಿ ಊಟಕ್ಕೆ ಕುಳಿತಿದ್ದಾಗ ಸಾಧ್ವಿಯಾದ ಓಬವ್ವ' ಅಂತ ಶುರುವಾಗಿ, ನಾಡಿಗಾಗಿ ಪ್ರಾಣ ಕೊಟ್ಟಳು ಎಂಬಲ್ಲಿಗೆ ಎರಡೇ ನಿಮಿಷಕ್ಕೆ ಮುಗಿಯಿತು.

ಹೊಳಲ್ಕೆರೆ ಕಡೆಯ ಒಂದು ಹುಡುಗಿ ಕಿಂಡಿಯೊಳಗೆ ತಲೆ ಹಾಕಿ ನೋಡಿ ಬಂದು ನಮ್ಮ ಪಕ್ಕ ನಿಂತಳು. ಮೆಲ್ಲಗೆ ಕೇಳಿದಳು: "ಸಾ, ಓಬವ್ವ ನಮ್ಮೋಳಂತೆ, ಹೌದಾ? ನಮ್ಮಜ್ಜಿ ಹೇಳ್ತಿತ್ತು. ಇದ್ಯಾಕೆ ಹೇಳ್ಲಿಲ್ಲ?"

ಅಷ್ಟರಲ್ಲಿ ಫೋನಿನ ದನಿ ಮುಂದಿನ ಜಾಗಕ್ಕೆ ನಡೆಯಿರಿ ಅಂದಿತು. ಅದು ಯಾರಿಗೂ ನಿಲ್ಲುವುದಿಲ್ಲ.

ಆ ಮಗುವಿನ ಪ್ರಶ್ನೆಗೆ ಉತ್ತರ ಹೇಳುವುದು ನಮ್ಮ ಕರ್ತವ್ಯ. ಹೌದು ಮಗಾ, ಓಬವ್ವ ಛಲವಾದಿ ಹೆಣ್ಣುಮಗಳು. ಗಂಡ ಕಹಳೆ ಮುದ್ದಹನುಮ, ಕೋಟೆಯ ಕಾವಲಿನವನು. ದುರ್ಗದಲ್ಲಿ ಇದು ಯಾರಿಗೂ ಗೊತ್ತಿಲ್ಲದ ಗುಟ್ಟೇನಲ್ಲ. ಅವಳ ಹೆಸರಿನ ಕ್ರೀಡಾಂಗಣ ಇದೆ. ಅವಳ ಪ್ರತಿಮೆ ಇದೆ. 2021ರಿಂದ ಸರ್ಕಾರವೇ ನವೆಂಬರ್ 11ರಂದು ಅವಳ ಜಯಂತಿ ಮಾಡುತ್ತಿದೆ. 1972ರಲ್ಲಿ ಪುಟ್ಟಣ್ಣ ಕಣಗಾಲರ 'ನಾಗರಹಾವು' ಸಿನಿಮಾದ ಹಾಡು ಅವಳನ್ನು ಕನ್ನಡದ ಮನೆಮನೆಗೆ ಮುಟ್ಟಿಸಿತು. ಜಯಂತಿ ಒನಕೆ ಎತ್ತಿದ ಆ ದೃಶ್ಯಕ್ಕೆ ನಮ್ಮ ಕೇರಿಯ ಹೆಂಗಸರೂ ಶಿಳ್ಳೆ ಹಾಕಿದ್ದಾರೆ. ನಾವು ಅದನ್ನು ಅಲ್ಲಗಳೆಯುತ್ತಿಲ್ಲ. ಆದರೆ ಹೆಸರು ಕೊಟ್ಟವರು ಅವಳ ಕತೆಯನ್ನು ಏನು ಮಾಡಿದರು? ಅದನ್ನು ನೋಡಬೇಕು.

ಮೊದಲನೆಯದು ಊಟ. ಗಂಡನ ಊಟ ಕೆಡಿಸಬಾರದು ಅಂತ ಅವಳು ಅವನನ್ನು ಎಬ್ಬಿಸಲಿಲ್ಲ, ಇದೇ ಅವಳ ದೊಡ್ಡತನ ಅಂತ ಎಲ್ಲ ದನಿಗಳೂ ಹೇಳುತ್ತವೆ. ಅಂದರೆ ಓಬವ್ವ ಮೊದಲು ಪತಿವ್ರತೆ, ಆಮೇಲೆ ವೀರಳು! ಶತ್ರು ಕಿಂಡಿಯಲ್ಲಿ ನುಸುಳುತ್ತಿರುವುದನ್ನು ಕಂಡವಳು ಅವಳು. ಒಂದು ಸಲಕ್ಕೆ ಒಬ್ಬನೇ ತೂರಬಲ್ಲ ಜಾಗ, ಇಲ್ಲಿ ಒಬ್ಬಳೇ ನಿಂತರೂ ಸಾಕು ಅಂತ ಲೆಕ್ಕ ಹಾಕಿದವಳು ಅವಳು. ಹೊಡೆದ ಹೆಣವನ್ನು ಪಕ್ಕಕ್ಕೆ ಎಳೆದು, ಹಿಂದಿನವನಿಗೆ ಗುಮಾನಿ ಬಾರದಂತೆ ನೋಡಿಕೊಂಡವಳು ಅವಳು. ಇದು ಯುದ್ಧದ ಬುದ್ಧಿ. ಇದನ್ನು ಗಂಡನ ತಟ್ಟೆಯ ಪಕ್ಕ ಇಟ್ಟು ಸಣ್ಣದು ಮಾಡಿದವರು ಯಾರು?

ಎರಡನೆಯದು ಒನಕೆ. ಅವಳ ಕೈಗೆ ಸಿಕ್ಕಿದ್ದು ಕತ್ತಿಯಲ್ಲ. ದಿನಾ ಕುಟ್ಟಿ ಕುಟ್ಟಿ ಗಟ್ಟಿಯಾದ ತೋಳು ಅದು. ನವಣೆ ಕುಟ್ಟಿದ ನಮ್ಮ ಅಜ್ಜಿಯರನ್ನು ನೋಡಿದವರಿಗೆ ಒನಕೆ ಏಳುವ ಲಯ ಗೊತ್ತು. ಅವಳನ್ನು ದೇವಿಯ ಅವತಾರ ಮಾಡಿಬಿಟ್ಟರೆ ದುಡಿದ ಆ ತೋಳು ಮಾಯವಾಗಿಬಿಡುತ್ತೆ.

ಮೂರನೆಯದು ನೀರು. ಕತೆ ಶುರುವಾಗುವುದೇ ಓಬವ್ವ ನೀರಿಗೆ ಹೋಗುವುದರಿಂದ. ಕಿಂಡಿಯ ಹತ್ತಿರದ ತಣ್ಣೀರು ದೋಣಿಯನ್ನು ಎಲ್ಲರೂ ತೋರಿಸುತ್ತಾರೆ. ನೀರಿಗೆ ಹೋದ ಕೇರಿಯ ಹೆಣ್ಣು ಅನ್ನೋದು ನಮ್ಮ ಪಾಲಿಗೆ ಬರೀ ಕತೆಯ ಮೊದಲ ಸಾಲಲ್ಲ. 1927ರಲ್ಲಿ ಬಾಬಾಸಾಹೇಬರು ಮಹಾಡದ ಚವದಾರ ಕೆರೆಯ ನೀರು ಮುಟ್ಟಲು ಸಾವಿರಾರು ಜನರ ಜತೆ ನಡೆಯಬೇಕಾಯಿತು. 2023ರ ಆಗಸ್ಟಿನಲ್ಲಿ ಇದೇ ದುರ್ಗದ ಕವಾಡಿಗರ ಹಟ್ಟಿಯಲ್ಲಿ, ದಲಿತರು ಬಾಳುವ ಕೇರಿಯಲ್ಲಿ, ನಲ್ಲಿಯ ಕೆಟ್ಟ ನೀರು ಕುಡಿದು ಜನ ಸತ್ತರು, ನೂರಕ್ಕೂ ಹೆಚ್ಚು ಮಂದಿ ಆಸ್ಪತ್ರೆ ಸೇರಿದರು. ಕೋಟೆಯ ನೀರಿನ ಜಾಣತನವನ್ನು, ಹೊಂಡದಿಂದ ಹೊಂಡಕ್ಕೆ ಮಳೆನೀರು ಇಳಿಸಿದ ಬಗೆಯನ್ನು, ಹೊಗಳುವ ದನಿ ಕೋಟೆಯ ಕೆಳಗಿನ ನಲ್ಲಿಯ ಬಗ್ಗೆ ಯಾಕೆ ತುಟಿ ಬಿಚ್ಚುವುದಿಲ್ಲ? ಪ್ರವಾಸಕ್ಕೆ ಬಂದವನ ಮನಸ್ಸು ಕೆಡುತ್ತೆ ಅಂತಲೇ?

ನಾಲ್ಕನೆಯದು ಶತ್ರು. ಈ ಕತೆಯನ್ನು ಧರ್ಮಯುದ್ಧ ಮಾಡಿ ಹೇಳುವ ದನಿಗಳು ಈಗ ಹೆಚ್ಚಾಗುತ್ತಿವೆ. ಮದಕರಿನಾಯಕ ಒಮ್ಮೆ ಹೈದರಾಲಿಯ ಜತೆ, ಒಮ್ಮೆ ಮರಾಠರ ಜತೆ ನಿಂತು ಕಾದಿದ ಪಾಳೆಯಗಾರ. 1779ರಲ್ಲಿ ಕೋಟೆ ಬಿತ್ತು, ಅವನನ್ನು ಶ್ರೀರಂಗಪಟ್ಟಣಕ್ಕೆ ಒಯ್ದರು. ಅದು ದೊರೆಗಳ ನೆಲದ ಜಗಳ. ಅದರಲ್ಲಿ ಒನಕೆ ಹಿಡಿದವಳನ್ನು ತಂದು ಇವತ್ತಿನ ಓಟಿನ ಜಗಳಕ್ಕೆ ನಿಲ್ಲಿಸುವುದು ಓಬವ್ವನಿಗೆ ಮಾಡುವ ಎರಡನೇ ಮೋಸ.

ಇನ್ನು ಕೋಟೆ. 'ನಾಯಕರು ಕಟ್ಟಿಸಿದರು' ಅಂತ ದನಿ ಹೇಳುತ್ತೆ. ಕಟ್ಟಿಸಿದವರ ಹೆಸರು ಉಂಟು, ಕಟ್ಟಿದವರ ಹೆಸರಿಲ್ಲ. ಬಂಡೆಗಳ ಮೇಲೆ ಸಾಲಾಗಿ ಉಳಿ ಹೊಡೆದ ಗುಳಿಗಳಿವೆ, ಬೆರಳಿಟ್ಟು ಎಣಿಸಬಹುದು. ಈ ಸೀಮೆಯಲ್ಲಿ ಕಲ್ಲು ಒಡೆಯುವುದು ಯಾರ ಕಸುಬು ಅಂತ ಯಾರನ್ನೂ ಕೇಳಬೇಕಾಗಿಲ್ಲ. ನಮ್ಮ ಗುಂಪಿನಲ್ಲಿದ್ದ ಭೋವಿ ಹುಡುಗನೊಬ್ಬ ಆ ಗುಳಿಗಳನ್ನು ನೋಡಿ, "ಇದು ಗೂಟ ಹೊಡ್ದು ಸೀಳಿರೋದು ಸಾ, ನಮ್ಮಪ್ಪನೂ ಹಿಂಗೇ ಮಾಡೋದು" ಅಂದ. ಆ ದಿನ ನಾವು ಕೇಳಿದ ಅತ್ಯುತ್ತಮ ವಿವರಣೆ ಅದು. ಅದಕ್ಕೆ ಟಿಕೇಟು ಇರಲಿಲ್ಲ. ಇದೇ ಜಿಲ್ಲೆಯ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇದೆ. ಅದರ ಕೊನೆಗೆ ಬರೆದ ಲಿಪಿಕಾರ ಚಪಡನ ಹೆಸರಿದೆ. ಎರಡು ಸಾವಿರದ ಇನ್ನೂರಕ್ಕೂ ಹೆಚ್ಚು ವರ್ಷದಿಂದ ಒಬ್ಬ ಬರಹಗಾರನ ಹೆಸರು ಕಲ್ಲಿನಲ್ಲಿ ಉಳಿದಿದೆ. ಅಕ್ಷರ ಇದ್ದವನು ಉಳಿದ. ಉಳಿ ಹಿಡಿದವನು ಹೋದ. ಹಿರಿಯೂರಿನ ಮಾರಿಕಣಿವೆಗೆ ಹೋದರೂ ಇದೇ ಕತೆ. 1907ರಲ್ಲಿ ಮುಗಿದ ಅಣೆಕಟ್ಟು ಅಂತ ಹೇಳುವಾಗ ಮಹಾರಾಜರ ಹೆಸರು, ಮಹಾರಾಣಿಯ ಹೆಸರು ಬರುತ್ತೆ. ಕಲ್ಲು ಹೊತ್ತವರ ಹೆಸರು ಬರಲ್ಲ.

ಗೆಳೆಯರೇ, ಓಬವ್ವನ ಗಂಡನ ಕೆಲಸ ಏನು? ಕಹಳೆ ಊದುವುದು. ಕೋಟೆಯ ದನಿಯೇ ಅವನು. ಊರಿನಲ್ಲಿ ತಮಟೆ ಬಡಿದು ಡಂಗುರ ಸಾರುತ್ತಿದ್ದವರು ನಮ್ಮ ಕೇರಿಯವರು. ದನಿ ಹೊರುವ ಕೆಲಸವನ್ನು ಈ ಸಮಾಜ ಬಹಳ ಹಿಂದೆಯೇ ನಮಗೆ ಕೊಟ್ಟಿತ್ತು. ಆದರೆ ಚರ್ಮ ನಮ್ಮದು, ಕೈ ನಮ್ಮದು, ಗಂಟಲು ನಮ್ಮದು. ಮಾತು ಮಾತ್ರ ಗೌಡರದು, ಶಾನುಭೋಗರದು. ಈಗ ಡಂಗುರದ ಜಾಗಕ್ಕೆ ಯಂತ್ರ ಬಂದಾಗ ಆ ಗಂಟಲೂ ಬೇಡವಾಯಿತು. ಕಹಳೆಯವನ ಮನೆಯ ಕತೆ ಹೇಳಲು ಕಹಳೆಯವನ ಕೇರಿಯ ಒಂದು ದನಿಯೂ ಬೇಡವಾಯಿತು.

ಓಬವ್ವ ಉಳಿದದ್ದು ದರ್ಬಾರಿನ ಕಾಗದದಲ್ಲಿ ಅಲ್ಲ, ಜನರ ಬಾಯಲ್ಲಿ. ಬಾಯಿಂದ ಬಾಯಿಗೆ ಬರುವ ಕತೆಯನ್ನು ಮಧ್ಯೆ ತಡೆದು ಕೇಳಬಹುದು. "ಆಮೇಲೆ ಏನಾಯ್ತಜ್ಜಿ? ಅವಳ ಮಕ್ಕಳೇನಾದರು?" ಅನ್ನಬಹುದು. ಅಜ್ಜಿ ಗದರಿಸಿದರೂ ಉತ್ತರ ಹೇಳುತ್ತಾಳೆ. ಅಚ್ಚು ಹಾಕಿದ ದನಿಗೆ ಆ ಕಷ್ಟವಿಲ್ಲ.

ಹಾಗಾದರೆ ಯಂತ್ರ ಬೇಡವೇ? ಬೇಕು. ಆದರೆ ಅದರೊಳಗೆ ಯಾರು ಮಾತಾಡಬೇಕು ಅನ್ನೋದನ್ನು ನಾವೂ ಹೇಳಬೇಕು. ಅಮೆರಿಕದ ಆಲ್ಕಟ್ರಾಜ್ ದ್ವೀಪದ ಸೆರೆಮನೆ 1963ರಲ್ಲಿ ಮುಚ್ಚಿತು. ಅಲ್ಲಿ ನೋಡುಗರ ಕಿವಿಯಲ್ಲಿ ಮಾತಾಡುವವರು ಅಲ್ಲೇ ಸೆರೆಯಲ್ಲಿದ್ದ ಕೈದಿಗಳು, ಅಲ್ಲೇ ಕಾವಲಿದ್ದ ಪೇದೆಗಳು. ದಕ್ಷಿಣ ಆಫ್ರಿಕದ ರಾಬೆನ್ ದ್ವೀಪ 1997ರಲ್ಲಿ ಮ್ಯೂಸಿಯಂ ಆದಾಗ ಸೆರೆಮನೆ ತೋರಿಸಲು ನಿಂತವರು ಅಲ್ಲಿ ವರ್ಷಗಟ್ಟಲೆ ಕೊಳೆತ ರಾಜಕೀಯ ಕೈದಿಗಳೇ. ಕಷ್ಟ ಉಂಡವನ ಗಂಟಲಿಗೆ ಹಿಂದಿನ ಸಂಗೀತ ಬೇಕಾಗುವುದಿಲ್ಲ. ಈ ಕೆಲಸ ಅಲ್ಲಿ ಆಗುವುದಾದರೆ ದುರ್ಗದಲ್ಲಿ ಯಾಕಾಗದು?

ಮೇಷ್ಟರುಗಳಿಗೆ, ಹಾಸ್ಟೆಲಿನ ವಿದ್ಯಾರ್ಥಿಗಳಿಗೆ ನಮ್ಮದು ಒಂದೇ ಮಾತು. ಸರ್ಕಾರದ ದಾರಿ ಕಾಯಬೇಡಿ. ನಿಮ್ಮ ಕೈಯಲ್ಲಿರುವ ಫೋನಿನಲ್ಲೇ ದನಿ ಹಿಡಿಯಬಹುದು. ನಿಮ್ಮ ಕೇರಿಯ ಅಜ್ಜಿಯಿಂದ ಓಬವ್ವನ ಕತೆ ಹೇಳಿಸಿ. ಅವಳು ಹೇಳುವ ಹಾಗೆಯೇ ಇರಲಿ, ಗ್ರಾಂಥಿಕ ಮಾಡಬೇಡಿ. ಕಲ್ಲು ಒಡೆಯುವ ಭೋವಿ ಅಣ್ಣನಿಂದ ಆ ಗುಳಿಗಳ ಗುಟ್ಟು ಹೇಳಿಸಿ. ಕವಾಡಿಗರ ಹಟ್ಟಿಯವರಿಂದ ನೀರಿನ ಮಾತು ಆಡಿಸಿ. ಬೇಡರ ಹಿರಿಯರಿಂದ ಮದಕರಿಯ ಮಾತು, ಸಾಬರ ಕೇರಿಯವರಿಂದ ಅವರ ಮಾತು. ಒಬ್ಬರು ಹೇಳಿದ್ದು ಇನ್ನೊಬ್ಬರಿಗೆ ಒಪ್ಪಿಗೆಯಾಗದಿದ್ದರೆ ಎರಡೂ ಇರಲಿ. ಮುಂದಿನ ಸಲ ಮಕ್ಕಳನ್ನು ಕೋಟೆಗೆ ಕರಕೊಂಡು ಹೋದಾಗ ಅದನ್ನು ಹಾಕಿ. ಮುಖ್ಯವಾಗಿ, ಮಗು ಬಾಯಿ ತೆರೆದ ಕೂಡಲೇ ಫೋನನ್ನು ನಿಲ್ಲಿಸಿ.

ಆ ಹುಡುಗಿ ಇಳಿಯುವಾಗ ಮತ್ತೆ ಕೇಳಿದಳು: "ಸಾ, ಓಬವ್ವನ ಮನೆ ಎಲ್ಲಿತ್ತು?" ಇಲ್ಲೇ ಈ ಬಂಡೆಗಳ ನಡುವೆ ಎಲ್ಲೋ ಇರಬೇಕು ಅಂದೆವು. ಅವಳಿಗೆ ಅದು ಸಾಲಲಿಲ್ಲ. ನಮ್ಮಜ್ಜೀನೇ ಕೇಳ್ತೀನಿ ಅಂದಳು. ಕೇಳಲಿ.