ಎರಡು ಟೆಸ್ಟ್‌ಕಾರ್ಡ್‌ಗಳ ನಡುವೆ

ಪಾಪ್ ಸಂಗೀತವೆಂದರೆ ಮೈಮರೆಸುವ ಸರಕು ಎಂಬ ಅಭಿಪ್ರಾಯ ನಮ್ಮಲ್ಲಿ ಗಟ್ಟಿಯಾಗಿ ಬೇರೂರಿದೆ. ಅದು ಪೂರ್ತಿ ಸುಳ್ಳೇನೂ ಅಲ್ಲ. ಮಾರುಕಟ್ಟೆಗೆ ಬರುವ ಹಾಡುಗಳಲ್ಲಿ ಬಹುಪಾಲು ಕೇಳುಗನ ಎಚ್ಚರವನ್ನು ಕಳೆಯಲೆಂದೇ ತಯಾರಾಗುತ್ತವೆ. ಆದರೆ ಅದೇ ರಾಕ್ ಪರಂಪರೆಯೊಳಗಿಂದ ಎಚ್ಚರಿಸುವ ಕೆಲಸವನ್ನು ಹೊತ್ತುಕೊಂಡ ಕೆಲವರೂ ಬಂದಿದ್ದಾರೆ. ಲಂಡನ್ನಿನ ‘ದಿಸ್ ಹೀಟ್’ ಅಂಥ ಒಂದು ತಂಡ. ತಂಡದ ಹೆಸರನ್ನೇ ಹೊತ್ತು 1979ರಲ್ಲಿ ಹೊರಬಂದ ಅದರ ಮೊದಲ ಆಲ್ಬಮ್ ಅಂದು ಹೆಚ್ಚು ಮಾರಾಟವಾಗಲಿಲ್ಲ. ಆದರೆ ಅದು ಎತ್ತಿದ ಪ್ರಶ್ನೆ ಇನ್ನೂ ಹಳೆಯದಾಗಿಲ್ಲ: ದೂರದ ಜನರ ಸಂಕಟವನ್ನು ಪರದೆಯ ಮೇಲೆ ನೋಡುವ ನಾವು ನಿಜಕ್ಕೂ ಏನನ್ನಾದರೂ ನೋಡುತ್ತಿದ್ದೇವೆಯೇ?

1976ರಲ್ಲಿ ಈ ತಂಡ ಕಟ್ಟಿದವರು ಮೂವರು. ಡ್ರಮ್ಸ್ ಬಾರಿಸುತ್ತ ಹಾಡುವ ಚಾರ್ಲ್ಸ್ ಹೇವರ್ಡ್, ಗಿಟಾರ್ ಮತ್ತು ಕ್ಲಾರಿನೆಟ್ ನುಡಿಸುವ ಚಾರ್ಲ್ಸ್ ಬುಲೆನ್ ಹಾಗೂ ಗರೆತ್ ವಿಲಿಯಮ್ಸ್. ಮೊದಲಿಬ್ಬರು ನುರಿತ ವಾದಕರು. ವಿಲಿಯಮ್ಸ್‌ಗೆ ಯಾವ ವಾದ್ಯವೂ ಸರಿಯಾಗಿ ಬರುತ್ತಿರಲಿಲ್ಲ. ಹೀಗೆ ಕಲಿಯದವನೊಬ್ಬನನ್ನು ಜೊತೆಗೆ ಸೇರಿಸಿಕೊಂಡದ್ದೇ ಈ ತಂಡದ ಮೊದಲ ಪ್ರಯೋಗ. ಕಲಿತವರ ಕೈ ಅಭ್ಯಾಸದ ಜಾಡಿನಲ್ಲೇ ಓಡುತ್ತದೆ, ಕಲಿಯದವನ ಕೈ ಪ್ರತಿ ಸಲವೂ ಹುಡುಕಬೇಕಾಗುತ್ತದೆ. ಈ ಹುಡುಕಾಟದ ಸದ್ದು ಆಲ್ಬಮ್ಮಿನ ಉದ್ದಕ್ಕೂ ಕೇಳಿಸುತ್ತದೆ.

ಆಗ ಬ್ರಿಟನ್ನಿನಲ್ಲಿ ಪಂಕ್ ಅಲೆ ಎದ್ದಿತ್ತು. ಮೂರು ಸ್ವರಮೇಳ, ಒಂದಿಷ್ಟು ಸಿಟ್ಟು ಇದ್ದರೆ ಯಾರೂ ಹಾಡಬಹುದೆಂದು ಪಂಕ್ ತೋರಿಸಿಕೊಟ್ಟಿತು. ಆದರೆ ಸಿಟ್ಟೂ ಬೇಗನೆ ಒಂದು ಉಡುಪಾಗಿ ಅಂಗಡಿಯಲ್ಲಿ ಮಾರಾಟಕ್ಕೆ ಬಂತು. ಸಿಟ್ಟಿನ ಹೊರರೂಪವನ್ನು ಬಿಟ್ಟು, ಹಾಡಿನ ಕಟ್ಟಡವನ್ನೇ ಬಿಚ್ಚಿ ನೋಡಲು ಹೊರಟವರನ್ನು ಪೋಸ್ಟ್-ಪಂಕ್ ಎಂದು ಕರೆಯಲಾಯಿತು. ‘ದಿಸ್ ಹೀಟ್’ ಆ ಹೆಸರಿಗಿಂತ ಮೊದಲೇ ಈ ಕೆಲಸಕ್ಕೆ ಕೈಹಾಕಿತ್ತು. ಲಂಡನ್ನಿನ ಬ್ರಿಕ್ಸ್‌ಟನ್ ಬಡಾವಣೆಯಲ್ಲಿ ಮಾಂಸವನ್ನು ಕೆಡದಂತೆ ಇಡಲು ಬಳಸುತ್ತಿದ್ದ ಹಳೆಯ ಶೈತ್ಯಾಗಾರವೊಂದು ಅವರ ಸ್ಟುಡಿಯೋ ಆಯಿತು. ಅದಕ್ಕೆ ‘ಕೋಲ್ಡ್ ಸ್ಟೋರೇಜ್’ ಎಂದೇ ಹೆಸರಿಟ್ಟರು. ಆಲ್ಬಮ್ಮಿನಲ್ಲಿರುವುದು 1976ರಿಂದ 1978ರವರೆಗಿನ ಧ್ವನಿಮುದ್ರಣಗಳು. ಕೆಲವು ಒಳ್ಳೆಯ ಯಂತ್ರಗಳಲ್ಲಿ ಆದವು, ಕೆಲವು ಸಾದಾ ಕ್ಯಾಸೆಟ್ಟಿನಲ್ಲಿ ಆದವು. ಆ ವ್ಯತ್ಯಾಸವನ್ನು ಅವರು ಮುಚ್ಚಿಡಲಿಲ್ಲ. ಹೊದಿಕೆಯಲ್ಲಿ ಕಲಾವಿದರ ಮುಖವೂ ಇಲ್ಲ. ನೀಲಿ, ಹಳದಿ ಎರಡೇ ಬಣ್ಣ.

ಆಲ್ಬಮ್ ಆರಂಭವಾಗುವುದು ‘ಟೆಸ್ಟ್‌ಕಾರ್ಡ್’ ಎಂಬ ಚಿಕ್ಕ ತುಣುಕಿನಿಂದ. ಮುಗಿಯುವುದೂ ಅದೇ ಹೆಸರಿನ ತುಣುಕಿನಿಂದ. ದೂರದರ್ಶನ ನೋಡುತ್ತ ಬೆಳೆದ ತಲೆಮಾರಿಗೆ ಇದನ್ನು ವಿವರಿಸಬೇಕಿಲ್ಲ. ಕಾರ್ಯಕ್ರಮ ಶುರುವಾಗುವ ಮುನ್ನ ಪರದೆಯ ಮೇಲೆ ಬಣ್ಣದ ಪಟ್ಟಿಗಳು ನಿಂತಿರುತ್ತಿದ್ದವಲ್ಲ, ಅದರ ಬ್ರಿಟಿಷ್ ನೆಂಟನೇ ಟೆಸ್ಟ್‌ಕಾರ್ಡ್. ಎರಡನೆಯ ತುಣುಕಿನ ಹೆಸರು ‘ಹಾರಿಜಾಂಟಲ್ ಹೋಲ್ಡ್’. ಹಳೆಯ ಟೀವಿಗಳಲ್ಲಿ ಅಡ್ಡಾದಿಡ್ಡಿ ಓಡುವ ಚಿತ್ರವನ್ನು ಹಿಡಿದು ನಿಲ್ಲಿಸುವ ತಿರುಗುಗುಂಡಿಗೆ ಆ ಹೆಸರಿತ್ತು. ಇಲ್ಲಿ ಗಿಟಾರ್ ಮತ್ತು ಡ್ರಮ್ಸ್ ಅಬ್ಬರಿಸುತ್ತಿರುವಾಗಲೇ ಸದ್ದು ಥಟ್ಟನೆ ಕತ್ತರಿಸಿ, ಗೋಡೆಯಾಚೆಯ ಕೋಣೆಗೆ ಹೋದಂತೆ ಮಂಕಾಗುತ್ತದೆ. ಮತ್ತೆ ಎದುರಿಗೇ ಬಂದು ಸಿಡಿಯುತ್ತದೆ. ಗುಂಡಿ ತಿರುಗಿಸಿದಷ್ಟೂ ಚಿತ್ರ ನಿಲ್ಲುವುದಿಲ್ಲ. ನಡುವೆ ಯಂತ್ರವೊಂದಿದೆ, ನೀನು ಕೇಳುತ್ತಿರುವುದು ಅದರ ಮೂಲಕ ಎಂಬುದನ್ನು ಕೇಳುಗ ಮರೆಯದಂತೆ ಈ ಸಂಗೀತ ನೋಡಿಕೊಳ್ಳುತ್ತದೆ.

‘24 ಟ್ರ್ಯಾಕ್ ಲೂಪ್’ ಎಂಬ ತುಣುಕಿನಲ್ಲಿ ಈ ವಿಚಾರ ಇನ್ನೂ ಸ್ಪಷ್ಟವಾಗಿದೆ. ತಾವೇ ನುಡಿಸಿದ್ದರ ಒಂದು ತುಣುಕು ಟೇಪನ್ನು ಕುಣಿಕೆ ಮಾಡಿ, ಅದನ್ನೇ ಮತ್ತೆ ಮತ್ತೆ ತಿರುಗಿಸುತ್ತ ಸ್ಟುಡಿಯೋ ಯಂತ್ರಗಳಿಂದ ಅದರ ಸ್ಥಾಯಿ, ಬಣ್ಣ, ತೂಕ ಬದಲಿಸಿದರು. 1990ರ ದಶಕದಲ್ಲಿ ಕಂಪ್ಯೂಟರ್‌ಗಳ ನೆರವಿನಿಂದ ಬಂದ ನೃತ್ಯ ಸಂಗೀತದ ನಡಿಗೆ ಇಲ್ಲಿ ಆಗಲೇ ಕೇಳಿಸುತ್ತದೆ ಎಂದು ಅನೇಕರು ಮೆಚ್ಚಿಕೊಂಡಿದ್ದಾರೆ. ನನಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಬೇರೆ. ಒಂದೇ ಸಂಗತಿಯನ್ನು ನೂರು ಸಲ ತೋರಿಸಿದರೆ ಅದು ಸಂಗತಿಯಾಗಿ ಉಳಿಯದೆ ಅಲಂಕಾರವಾಗಿಬಿಡುತ್ತದೆ. ಸುದ್ದಿವಾಹಿನಿಗಳ ಇಂದಿನ ವೀಕ್ಷಕನಿಗೆ ಇದು ಹೊಸ ಅನುಭವವೇನಲ್ಲ.

ಇನ್ನು ‘ನಾಟ್ ವೇವಿಂಗ್’. ಈ ಶೀರ್ಷಿಕೆ ಇಂಗ್ಲಿಷ್ ಕವಯಿತ್ರಿ ಸ್ಟೀವಿ ಸ್ಮಿತ್ ಅವರ ಪ್ರಸಿದ್ಧ ಕವಿತೆಯೊಂದನ್ನು ನೆನಪಿಸುತ್ತದೆ. ಅಲ್ಲಿ ಮುಳುಗುತ್ತಿರುವವನು ಕೈ ಬಡಿಯುತ್ತಾನೆ, ದಡದಲ್ಲಿದ್ದವರು ಅವನು ತಮ್ಮತ್ತ ಕೈಬೀಸುತ್ತಿದ್ದಾನೆಂದು ಭಾವಿಸುತ್ತಾರೆ. ಹೇವರ್ಡ್ ಇದನ್ನು ಬಹಳ ನಿಧಾನವಾಗಿ, ಉಸಿರು ಉಳಿಸಿಕೊಳ್ಳುವವನಂತೆ ಹಾಡುತ್ತಾರೆ. ಅಬ್ಬರದ ನಡುವೆ ಬರುವ ಈ ಮೆಲುದನಿಯೇ ಇಡೀ ಆಲ್ಬಮ್ಮಿನಲ್ಲಿ ನನ್ನನ್ನು ಹೆಚ್ಚು ಕಲಕಿದ್ದು. ನೋಡುವವರು ಇದ್ದರು, ನೋಡಿದರು, ಆದರೂ ತಪ್ಪಾಗಿ ಓದಿದರು.

ಕೊನೆಯ ಟೆಸ್ಟ್‌ಕಾರ್ಡಿಗೆ ಮೊದಲು ಬರುವುದು ‘ದ ಫಾಲ್ ಆಫ್ ಸೈಗಾನ್’. 1975ರ ಏಪ್ರಿಲ್ 30ರಂದು ಸೈಗಾನ್ ಪತನವಾಯಿತು. ಅಮೆರಿಕದ ರಾಯಭಾರ ಕಚೇರಿಯಿಂದ ಹೆಲಿಕಾಪ್ಟರ್‌ಗಳಲ್ಲಿ ಜನರನ್ನು ಸಾಗಿಸಿದ ದೃಶ್ಯಗಳನ್ನು ಜಗತ್ತು ಟೀವಿಯಲ್ಲಿ ಕಂಡಿತು. ಹಾಡಿನೊಳಗೆ ಈ ದೃಶ್ಯಗಳಿಲ್ಲ. ಮುತ್ತಿಗೆಗೆ ಸಿಕ್ಕ ರಾಯಭಾರ ಕಚೇರಿಯವರು ಅಲ್ಲಿನ ಸಾಕು ಬೆಕ್ಕನ್ನು ತಿನ್ನುವ ಕಲ್ಪಿತ ಕತೆಯೊಂದಿದೆ. ದನಿಯಲ್ಲಿ ಶೋಕವಿಲ್ಲ, ಗಿಟಾರ್ ಮಾತ್ರ ಕರ್ಕಶವಾಗಿ ಎಳೆಯುತ್ತದೆ. ಮಹಾಶಕ್ತಿಯೊಂದರ ಸೋಲನ್ನು ನಕ್ಷೆಯ ಮೇಲೆ ತೋರಿಸದೆ ಅಡುಗೆಮನೆಯಲ್ಲಿ ತೋರಿಸಿದ್ದು ಜಾಣತನ.

ಆದರೆ ಇಲ್ಲೇ ನನ್ನದೊಂದು ತಕರಾರಿದೆ. ವಿಯೆಟ್ನಾಮಿನ ಬಗೆಗಿನ ಈ ಹಾಡಿನಲ್ಲಿ ವಿಯೆಟ್ನಾಮಿನ ಮನುಷ್ಯ ಕಾಣುವುದಿಲ್ಲ. ಲಕ್ಷಾಂತರ ಜನ ಸತ್ತ ಯುದ್ಧ ಕೊನೆಗೆ ಒಂದು ಬೆಕ್ಕಿನ ಕತೆಯಾಗುತ್ತದೆ. ಕಚೇರಿಯ ಒಳಗಿರುವವರ ಕಣ್ಣಿಗೆ ಹೊರಗಿನವರು ಕಾಣುವುದೇ ಇಲ್ಲ, ಅದನ್ನೇ ಹಾಡು ಬಯಲು ಮಾಡುತ್ತಿದೆ ಎಂದು ಸಮರ್ಥಿಸಬಹುದು. ಆ ಸಮರ್ಥನೆಯಲ್ಲಿ ಸತ್ಯವಿದೆ. ಆದರೂ ಕುರುಡುತನವನ್ನು ತೋರಿಸುವುದು ಬೇರೆ, ಕಾಣುವುದು ಬೇರೆ. ಈ ಆಲ್ಬಮ್ ಮೊದಲನೆಯದನ್ನು ಅಪೂರ್ವ ಪ್ರಾಮಾಣಿಕತೆಯಿಂದ ಮಾಡಿದೆ, ಎರಡನೆಯದರ ಹೊಸ್ತಿಲಲ್ಲೇ ನಿಂತಿದೆ. ನಡುವಿನ ಒಂದೆರಡು ತುಣುಕುಗಳು ಬರಿಯ ಗದ್ದಲದಲ್ಲೇ ಕಳೆದುಹೋಗುತ್ತವೆ ಎಂಬುದನ್ನೂ ಹೇಳಬೇಕು.

ತಂಡದ ಎರಡನೆಯ ಆಲ್ಬಮ್ ‘ಡಿಸೀಟ್’ 1981ರಲ್ಲಿ ಬಂತು. ಅಣುಯುದ್ಧದ ಭಯ ಅದರ ತುಂಬ ಹರಡಿದೆ. ಆಮೇಲೆ ವಿಲಿಯಮ್ಸ್ ತಂಡ ಬಿಟ್ಟು, ಕಥಕಳಿ ಕಲಿಯಲು ಕೇರಳಕ್ಕೆ ಬಂದರು. ವಾದ್ಯ ಬಾರದ್ದನ್ನೇ ಬಲವಾಗಿಸಿಕೊಂಡಿದ್ದ ಮನುಷ್ಯ, ವರ್ಷಗಟ್ಟಲೆ ಮೈ ದಂಡಿಸದೆ ಒಲಿಯದ ಕಲೆಯನ್ನು ಹುಡುಕಿಕೊಂಡು ಬಂದದ್ದು ಮೇಲುನೋಟಕ್ಕೆ ವಿಚಿತ್ರ. ಆದರೆ ಕಥಕಳಿ ಕಲಿಯುವವರು ಕಣ್ಣುಗಳಿಗೇ ಪ್ರತ್ಯೇಕ ಸಾಧನೆ ಮಾಡಬೇಕು. ದೂರದಿಂದ ನೋಡುವವರ ಕುರುಡುತನವನ್ನು ಸಂಗೀತದಲ್ಲಿ ಹಿಡಿದವನು ಹತ್ತಿರ ಬಂದು ಕಣ್ಣನ್ನು ಪಳಗಿಸಲು ಹೊರಟದ್ದು ನನಗಂತೂ ಸಹಜವಾಗಿಯೇ ಕಾಣುತ್ತದೆ. ಅವರು 2001ರ ಡಿಸೆಂಬರಿನಲ್ಲಿ ತೀರಿಕೊಂಡರು.

ಆಲ್ಬಮ್ಮಿನ ಕೊನೆಯ ಟೆಸ್ಟ್‌ಕಾರ್ಡ್ ಮೊದಲಿನದಕ್ಕಿಂತ ಉದ್ದವಾಗಿದೆ. ಕಾರ್ಯಕ್ರಮ ಮುಗಿದಿದೆ, ಯಂತ್ರ ಮಾತ್ರ ಗುಂಯ್‌ಗುಡುತ್ತಿದೆ. ಈಗ ಟೀವಿಯಲ್ಲಿ ಟೆಸ್ಟ್‌ಕಾರ್ಡ್ ಬರುವುದಿಲ್ಲ. ಕಾರ್ಯಕ್ರಮ ಮುಗಿಯುವುದೇ ಇಲ್ಲ. ಅಂಗೈಯಲ್ಲೇ ಬೆಳಗುವ ಪರದೆಯಲ್ಲಿ ಯಾರೋ ಕೈ ಬಡಿಯುತ್ತಿರುತ್ತಾರೆ. ಅವರು ಮುಳುಗುತ್ತಿದ್ದಾರೋ, ನಮ್ಮತ್ತ ಕೈಬೀಸುತ್ತಿದ್ದಾರೋ ಎಂದು ಕೇಳಿಕೊಳ್ಳುವ ವ್ಯವಧಾನ ನಮಗಿದೆಯೇ?